ರಿಪೇರಿ ಮಾಡಿದವರ ಹೆಸರು

ವಿಮೆ ಕಂಪನಿಯವನು ಫೋನು ಮಾಡಿ ವ್ಯಾನು ‘ಟೋಟಲ್ ಲಾಸ್’ ಎಂದು ತಿಳಿಸಿದಾಗ ಜಲಜಾ ಮನೆ ಮುಂದಿನ ಡ್ರೈವ್‌ವೇಯಲ್ಲಿ ಅದೇ ವ್ಯಾನಿನ ಕೆಳಗೆ ಅಂಗಾತ ಮಲಗಿದ್ದಳು. ಫೋನಿನಲ್ಲಿ ಮಾತಾಡುತ್ತಿದ್ದವನು ಗಂಡ ಅರವಿಂದ.

“ಇಂಜಿನ್ ಸರಿ ಇದೆ. ಚಾಸಿ ನೆಟ್ಟಗಿದೆ. ಏರ್‌ಬ್ಯಾಗ್ ಕೂಡ ಬಿಚ್ಚಿಲ್ಲ. ಟೋಟಲಾಗಿ ಲಾಸ್ ಆಗಿರೋದು ಏನು ಅಂತ ಕೇಳಿ ಅವನ್ನ,” ಎಂದಳು ಕೆಳಗಿನಿಂದಲೇ.

ಅರವಿಂದ ಕೇಳಲಿಲ್ಲ. ಥ್ಯಾಂಕ್ಯೂ ಹೇಳಿ ಫೋನಿಟ್ಟ.

ಅದಕ್ಕೆ ಎರಡು ವಾರ ಹಿಂದೆ ಯೂನಿಯನ್ ಸಿಟಿಯ ಒಂದು ಸಿಗ್ನಲ್ಲಿನಲ್ಲಿ ಪಿಕಪ್ ಟ್ರಕ್ಕೊಂದು ಸರಕ್ಕನೆ ಎಡಕ್ಕೆ ತಿರುಗಿ ವ್ಯಾನಿನ ಮೂತಿಗೆ ಗುದ್ದಿತ್ತು. ಜಲಜಾಗೆ ಏನೂ ಆಗಿರಲಿಲ್ಲ. ವ್ಯಾನಿನ ಬಾನೆಟ್ಟು ಮಡಚಿತ್ತು, ಎಡಗಡೆ ಹೆಡ್‌ಲೈಟು ಪುಡಿಯಾಗಿತ್ತು, ರೇಡಿಯೇಟರು ಒಡೆದು ರಸ್ತೆ ತುಂಬ ಹಸಿರು ನೀರು ಹರಿದಿತ್ತು. ಹದಿಮೂರು ವರ್ಷದ ಹಳೆಯ ವ್ಯಾನು. ಅಷ್ಟು ಹಳೆಯದನ್ನು ರಿಪೇರಿ ಮಾಡಿಸುವುದಕ್ಕಿಂತ ಗುಜರಿಗೆ ಹಾಕುವುದೇ ಕಂಪನಿಗೆ ಅಗ್ಗ.

“ಕೊಟ್ಬಿಡೋಣ ಕಣೇ,” ಎಂದ ಅರವಿಂದ. “ಹೊಸ ಎಲೆಕ್ಟ್ರಿಕ್ ತಗೊಂಡ್ರಾಯ್ತು. ಪೀಡೆ ಹೋಗುತ್ತೆ.”

“ಕೊಡಲ್ಲ. ನಾನೇ ರಿಪೇರಿ ಮಾಡ್ತೀನಿ.”

ಅರವಿಂದ ನಗಲಿಲ್ಲ, ಇಪ್ಪತ್ತೊಂಬತ್ತು ವರ್ಷದ ಸಂಸಾರದಲ್ಲಿ ಅಷ್ಟು ಕಲಿತಿದ್ದ. ಆದರೆ ನಂಬಲೂ ಇಲ್ಲ.

ನಂಬದಿರುವುದಕ್ಕೆ ಅವನಿಗೆ ಕಾರಣವೂ ಇತ್ತೆನ್ನಿ: ಅವಳು ಕಲಿತ ಕೆಲಸ ಮದುವೆಗೆ ಮುಂಚಿನದು. ಜಲಜಾ ಹಾಸನದ ಪಾಲಿಟೆಕ್ನಿಕ್ಕಿನಲ್ಲಿ ಆಟೊಮೊಬೈಲ್ ಡಿಪ್ಲೊಮಾ ಮಾಡಿದವಳು. ತರಗತಿಯಲ್ಲಿ ಮೂವತ್ತೊಂಬತ್ತು ಹುಡುಗರು, ಇವಳೊಬ್ಬಳು. ಆಮೇಲೆ ಹನ್ನೊಂದು ತಿಂಗಳು ಬಸ್ ಡಿಪೋ ವರ್ಕ್‌ಶಾಪಿನಲ್ಲಿ ಅಪ್ರೆಂಟಿಸ್ ಆಗಿದ್ದಳು. ಮೊದಲ ಮೂರು ತಿಂಗಳು ಅಲ್ಲಿ ಅವಳ ಕೈಗೆ ರಿಜಿಸ್ಟರ್ ಪುಸ್ತಕ ಬಿಟ್ಟು ಬೇರೇನನ್ನೂ ಕೊಟ್ಟಿರಲಿಲ್ಲ. ಒಂದು ದಿನ ಮೇಸ್ತ್ರಿ ರಜೆ ಹಾಕಿದಾಗ ಇವಳೇ ಒಂದು ಬಸ್ಸಿನ ಕ್ಲಚ್ ಪ್ಲೇಟ್ ಇಳಿಸಿ ಮತ್ತೆ ಕೂರಿಸಿದಳು. ಆಮೇಲೆ ಸ್ಪ್ಯಾನರು ಕೈಗೆ ಬಂತು. ಅಷ್ಟರಲ್ಲಿ ಮದುವೆ, ಅಮೆರಿಕ, ಕೆಲಸ ಮಾಡಲು ಬಿಡದ ವೀಸಾ, ಮಗಳು ನಿಹಾರಿಕಾ. ಗ್ರೀನ್ ಕಾರ್ಡು ಬಂದ ಮೇಲೆ ಅವಳಿಗೆ ಸಿಕ್ಕ ಕೆಲಸ ಶಾಲೆಯ ಊಟದ ಮನೆಯಲ್ಲಿ. ಹದಿನಾರು ವರ್ಷ ಅಲ್ಲಿ ಮಕ್ಕಳಿಗೆ ಪಿಜ್ಜಾ ತುಂಡು, ಸೇಬಿನ ಹೋಳು ಬಡಿಸಿದಳು. ಅಲ್ಲಿನ ಪಾತ್ರೆ ತೊಳೆಯುವ ಮಷೀನು ಕೆಟ್ಟಾಗಲೆಲ್ಲ ಅದನ್ನು ಸರಿಮಾಡಿದವಳು ಇವಳೇ ಎಂಬುದು ಅರವಿಂದನಿಗೆ ಗೊತ್ತಿರಲಿಲ್ಲ. ಅವಳು ಹೇಳಿರಲಿಲ್ಲ, ಅವನು ಕೇಳಿರಲಿಲ್ಲ.

ವ್ಯಾನು ಬೇಕೇಬೇಕು ಎನ್ನುವುದಕ್ಕೆ ಇನ್ನೊಂದು ಕಾರಣವಿತ್ತು. ಪಕ್ಕದ ಮನೆಯ ಸುರೇಶನ ತಾಯಿ ಬೋರಮ್ಮ ಮಂಡ್ಯ ಕಡೆಯ ಹೆಂಗಸು; ಎರಡೂ ಮಂಡಿ ಹೋಗಿವೆ. ವಾರಕ್ಕೆರಡು ದಿನ ಆಕೆಯನ್ನೂ ಇನ್ನಿಬ್ಬರು ಅಜ್ಜಿಯರನ್ನೂ ಫ್ರೀಮಾಂಟಿನ ಹಿರಿಯರ ಕೇಂದ್ರಕ್ಕೆ ಕರೆದೊಯ್ಯುವವಳು ಜಲಜಾ. ತಗ್ಗಾದ ಕಾರಿನೊಳಗೆ ಬೋರಮ್ಮನನ್ನು ಕೂರಿಸಿ ಎಬ್ಬಿಸುವುದೆಂದರೆ ಇಬ್ಬರಿಗೂ ಶಿಕ್ಷೆ. ಬಾಗಿಲು ಪಕ್ಕಕ್ಕೆ ಸರಿಯುವ ಈ ವ್ಯಾನಿನಲ್ಲಿ ಆಕೆ ಸೋಫಾದ ಮೇಲೆ ಕೂತಂತೆ ಕೂತುಬಿಡುತ್ತಿದ್ದರು.

ಕೆಲಸಕ್ಕೆ ಆರು ವಾರ ಹಿಡಿಯಿತು. ರೇಡಿಯೇಟರನ್ನು ಹೊಸದಾಗಿಯೇ ತಂದಳು. ಬಾನೆಟ್ಟು, ಮಡ್‌ಗಾರ್ಡು, ರೇಡಿಯೇಟರನ್ನು ಹಿಡಿದಿಡುವ ಕಬ್ಬಿಣದ ಚೌಕಟ್ಟು ಇವುಗಳಿಗೆಲ್ಲ ಹೇವರ್ಡಿನ ಗುಜರಿ ಯಾರ್ಡಿಗೆ ಹೋಗಿ, ಅದೇ ಮಾಡೆಲ್ಲಿನ ಇನ್ನೊಂದು ವ್ಯಾನನ್ನು ಹುಡುಕಿ, ತಾನೇ ಬಿಚ್ಚಿಕೊಂಡು ಬಂದಳು. ಬೋರಮ್ಮ ಬೇಲಿಯಾಚೆ ಕುರ್ಚಿ ಹಾಕಿಕೊಂಡು ನೋಡುತ್ತಿದ್ದರು.

“ಅಲ್ಲಾ ಕಣವ್ವಾ, ಇಷ್ಟೆಲ್ಲಾ ಕಿತ್ತಾಕಿದ್ದೀಯಲ್ಲ, ಯಾವುದ್ ಎಲ್ಲಿತ್ತು ಅಂತ ಗ್ಯಾಪ್ಕ ಇದ್ದದಾ?”

“ಇದೆ ಬೋರಮ್ಮಾವ್ರೇ.”

“ನಿನ್ ಗಂಡ ಏನಂದ?”

“ಬೆನ್ನು ನೋವಾದ್ರೆ ನನ್ನ ಕೇಳ್ಬೇಡ ಅಂದ್ರು.”

ಬೆನ್ನು ನೋವಾಯಿತು. ಕೇಳಲಿಲ್ಲ. ಮೇ ತಿಂಗಳ ಒಂದು ಭಾನುವಾರ ಮಧ್ಯಾಹ್ನ ಕೀಲಿ ತಿರುಗಿಸಿದಾಗ ವ್ಯಾನು ಮೊದಲ ಸಲಕ್ಕೇ ಶುರುವಾಯಿತು. ಅರ್ಧ ಗಂಟೆ ಓಡಲು ಬಿಟ್ಟು ಕೆಳಗೆ ರಟ್ಟು ಹಾಸಿ ನೋಡಿದಳು. ಒಂದು ಹನಿಯೂ ಬಿದ್ದಿರಲಿಲ್ಲ. ಕಷ್ಟದ ಕೆಲಸ ಮುಗಿಯಿತು ಎಂದುಕೊಂಡಳು.

ಅದು ಅವಳ ತಪ್ಪು ತಿಳಿವಳಿಕೆ. ವ್ಯಾನು ಮನೆಯಲ್ಲೇ ಇದ್ದರೂ ಕಾಗದದ ಮೇಲೆ ಅದು ಸತ್ತುಹೋಗಿತ್ತು. ಹಳೆಯ ನಂಬರ್ ಪ್ಲೇಟುಗಳನ್ನು ಸರಕಾರಕ್ಕೆ ಒಪ್ಪಿಸಿ, ಅದರ ಬದಲಿಗೆ ‘ಸಾಲ್ವೇಜ್’, ಅಂದರೆ ಗುಜರಿ ಗಾಡಿ, ಎಂಬ ಒಂದು ಪತ್ರ ತಂದಿಟ್ಟುಕೊಂಡಿದ್ದಳು. ಈಗ ಅದನ್ನು ಮತ್ತೆ ಬದುಕಿಸಿ, ರಿಪೇರಿಯಾದ ಗಾಡಿ ಎಂಬ ಟೈಟಲ್ಲು, ಅಂದರೆ ಮಾಲೀಕತ್ವದ ಪತ್ರ, ಪಡೆಯಬೇಕು. ಅದಕ್ಕೆ ಬ್ರೇಕು, ದೀಪಗಳ ತಪಾಸಣೆಯ ಸರ್ಟಿಫಿಕೇಟು ಬೇಕು. ಹೊಗೆಯ ಸರ್ಟಿಫಿಕೇಟು ಬೇಕು. ನೋಂದಣಿ ಕಚೇರಿಯವರು ಚಾಸಿ ನಂಬರು ನೋಡಬೇಕು. ಇದಕ್ಕೆಲ್ಲ ವ್ಯಾನನ್ನು ಓಡಿಸಿಕೊಂಡು ಹೋಗಬೇಕು; ಓಡಿಸಲು ಪ್ಲೇಟಿಲ್ಲ; ಹಾಗಾಗಿ ಪ್ರತಿ ಸಲವೂ ಒಂದು ದಿನದ ಪರವಾನಗಿ ತರಬೇಕು. ಪರವಾನಗಿ ತರಲು ಅರವಿಂದನ ಕಾರು ಬೇಕು. ಅರವಿಂದನ ಕಾರು ಅರವಿಂದನ ಜೊತೆ ಪಾಲೋ ಆಲ್ಟೋದ ಆಫೀಸಿನಲ್ಲಿರುತ್ತಿತ್ತು.

ಮೊದಲ ಪರವಾನಗಿಯ ದಿನ ತಪಾಸಣೆ ಗ್ಯಾರೇಜಿನ ಯಂತ್ರ ಕೆಟ್ಟಿತ್ತು. ಎರಡನೆಯ ಪರವಾನಗಿಯ ದಿನ ಎಡ ಹೆಡ್‌ಲೈಟಿನ ಬೆಳಕು ಎರಡು ಬೆರಳಷ್ಟು ಮೇಲಕ್ಕೆ ಬೀಳುತ್ತಿದೆ ಎಂದು ಫೇಲು ಮಾಡಿದರು. “ಅಲ್ಲೇ ಇರೋ ಸ್ಕ್ರೂನ ನಾನೇ ತಿರುಗಿಸ್ತೀನಿ, ಎರಡು ನಿಮಿಷ,” ಎಂದಳು. ಗ್ರಾಹಕರು ತಪಾಸಣೆಯ ಜಾಗದಲ್ಲಿ ಗಾಡಿ ಮುಟ್ಟುವಂತಿಲ್ಲ ಎಂದ ಅಲ್ಲಿನವನು. ಹೊರಗೆ ಬಂದು ರಸ್ತೆ ಬದಿಯಲ್ಲಿ ಸ್ಕ್ರೂ ತಿರುಗಿಸಿ, ಒಂದು ಗೋಡೆಯ ಮೇಲೆ ಬೆಳಕು ಬಿಟ್ಟು ಅಳತೆ ನೋಡಿಕೊಂಡು ವಾಪಸು ಹೋದಳು. ಅಷ್ಟರಲ್ಲಿ ಆ ದಿನದ ಸರದಿ ಮುಗಿದಿತ್ತು. ಮೂರನೆಯ ಪರವಾನಗಿಯ ದಿನ ಅದೇ ಮನುಷ್ಯ ಅದೇ ದೀಪ ನೋಡಿ ಪಾಸು ಮಾಡಿದ. ಸರ್ಟಿಫಿಕೇಟು ಕೊಡುತ್ತ, “ನಿಮ್ಮ ಗಂಡನಿಗೆ ಹೇಳಿ, ಕೆಲಸ ಚೆನ್ನಾಗಿದೆ,” ಎಂದ.

ಜಲಜಾ ಸರ್ಟಿಫಿಕೇಟು ಇಸಕೊಂಡಳು. ವ್ಯಾನಿಗೆ ಬಂದು ಅದನ್ನು ಉಳಿದ ಕಾಗದಗಳ ಜೊತೆ ಸೇರಿಸಿ ಕೀಲಿ ತಿರುಗಿಸಿದಳು.

ನೋಂದಣಿ ಕಚೇರಿಯಲ್ಲಿ ಅವಳು ತುಂಬಿ ತಂದಿದ್ದ ಹಾಳೆಯ ಒಂದು ಜಾಗದಲ್ಲಿ ರಿಪೇರಿ ಮಾಡಿದವರ ಹೆಸರು ಬರೆಯಬೇಕಿತ್ತು. ಅವಳು ತನ್ನ ಹೆಸರು ಬರೆದಿದ್ದಳು. ಕಿಟಕಿಯ ಹೆಂಗಸು ಅದನ್ನು ಓದಿ, ಪೆನ್ನಿನ ತುದಿ ಇಟ್ಟು, “ಇಲ್ಲಿ ಓನರ್ ಹೆಸರಲ್ಲ, ರಿಪೇರಿ ಮಾಡಿದವರದು,” ಎಂದಳು.

“ಅದೇ. ನಾನೇ ಮಾಡಿದ್ದು.”

“ಮಾಡಿಸಿದ್ದು?”

“ಮಾಡಿದ್ದು.”

ಹೆಂಗಸು ತಲೆಯೆತ್ತಿ ಜಲಜಾಳ ಹತ್ತಿಯ ಸೀರೆಯನ್ನೂ ಕುಂಕುಮವನ್ನೂ ನೋಡಿ, ಮತ್ತೇನೂ ಕೇಳದೆ ಸಾಮಾನುಗಳ ರಸೀದಿಗಳನ್ನು ಎಣಿಸಿಕೊಂಡಳು. ಆಮೇಲೆ ಒಬ್ಬ ಗುಮಾಸ್ತ ಚಾಸಿ ನಂಬರು ನೋಡಲು ಹೊರಗೆ ಬಂದ. ಗಾಜಿನಡಿಯ ನಂಬರು ಸರಿಯಿತ್ತು, ಬಾಗಿಲಿನದೂ ಸರಿಯಿತ್ತು. ಬಾನೆಟ್ಟು ಎತ್ತಿಸಿದ. ಅದರ ಒಳಮೈಯಲ್ಲಿ ಬೆರಳಗಲದ ಒಂದು ಚೀಟಿ ಅಂಟಿತ್ತು. ಅದರ ಮೇಲೆ ಬೇರೆ ನಂಬರು.

“ಇದು ಬೇರೆ ಗಾಡಿಯದು.”

“ಹೌದು. ಗುಜರಿಯಿಂದ ತಂದದ್ದು. ರಸೀದಿ ಇದೆಯಲ್ಲ.”

ರಸೀದಿಯಲ್ಲಿ ‘ಬಾನೆಟ್ಟು – ಒಂದು’ ಎಂದಷ್ಟೇ ಇತ್ತು. ಯಾವ ಗಾಡಿಯ ಬಾನೆಟ್ಟು ಎಂದಿರಲಿಲ್ಲ. ಹಾಗೆ ಬರೆಸಿಕೊಳ್ಳಬೇಕೆಂದು ಅವಳಿಗೂ ಹೊಳೆದಿರಲಿಲ್ಲ. ನಂಬರು ಹೊಂದದಿದ್ದರೆ ಕದ್ದ ಮಾಲಲ್ಲ ಎಂದು ಹೈವೇ ಪೊಲೀಸರು ನೋಡಿ ಸಹಿ ಹಾಕಬೇಕು ಎಂದ ಗುಮಾಸ್ತ. ಅವರ ಅಪಾಯಿಂಟ್‌ಮೆಂಟು ಸಿಕ್ಕಿದ್ದು ಐದು ವಾರ ಬಿಟ್ಟು.

ಆ ರಾತ್ರಿ ಊಟಕ್ಕೆ ಕೂತಾಗ ಮಗಳು ನಿಹಾರಿಕಾ ಡೇವಿಸಿನ ಕಾಲೇಜಿನಿಂದ ವಿಡಿಯೋ ಕಾಲ್ ಮಾಡಿದ್ದಳು. ಎಲ್ಲ ಕೇಳಿ, “ಅಮ್ಮಾ, ಜಸ್ಟ್ ಲೆಟ್ ಇಟ್ ಗೋ,” ಎಂದಳು.

“ಎಲ್ಲಿಗೆ ಹೋಗುತ್ತೆ? ಪ್ಲೇಟಿಲ್ಲ ಅದಕ್ಕೆ,” ಎಂದಳು ಜಲಜಾ.

ಅರವಿಂದ ಚಪಾತಿ ಮುರಿಯುತ್ತ, “ನಾನು ಅವತ್ತೇ ಹೇಳಿದ್ದೆ,” ಎಂದ.

ಜಲಜಾ ತಟ್ಟೆ ಎತ್ತಿಕೊಂಡು ಎದ್ದಳು. “ಹೇಳಿದ್ರಿ. ಗ್ಯಾರೇಜಿನವನು ನಿಮ್ಮ ಕೆಲಸ ಚೆನ್ನಾಗಿದೆ ಅಂತ ಹೇಳಿ ಕಳ್ಸಿದಾನೆ. ತಿಳಿಸೋದು ಮರೆತಿದ್ದೆ.” ಅರವಿಂದನಿಗೆ ಅರ್ಥವಾಗಲಿಲ್ಲ. ಅವಳು ಬಿಡಿಸಿ ಹೇಳಿದಳು. ಅವನು ಚಪಾತಿ ಕೆಳಗಿಟ್ಟ.

ಬಾನೆಟ್ಟು ಯಾವ ಗಾಡಿಯದೆಂದು ಬರೆಸಿಕೊಳ್ಳಲು ಮರುದಿನದಿಂದ ಗುಜರಿ ಯಾರ್ಡಿನ ಅಲೆದಾಟ. ಮೊದಲ ಸಲ ಹೋದಾಗ ಆ ಇನ್ನೊಂದು ವ್ಯಾನನ್ನು ಜಜ್ಜಿ ಸಾಗಿಸಿಯಾಗಿತ್ತು. ಎರಡನೆಯ ಸಲ ಕಂಪ್ಯೂಟರು ನೋಡಬೇಕಾದವನು ಬಂದಿರಲಿಲ್ಲ. ಮೂರನೆಯ ಸಲ, ಗುರುವಾರ, ಅರವಿಂದ ರಜೆ ಹಾಕಿ ತಾನೇ ಕಾರಿನಲ್ಲಿ ಕರೆದುಕೊಂಡು ಹೋದ. ಕೌಂಟರಿನವನು ಮಾತಾಡಲು ಅವನ ಕಡೆ ತಿರುಗಿದ. ಅರವಿಂದ, “ನನಗೇನೂ ಗೊತ್ತಿಲ್ಲ, ಅವರನ್ನೇ ಕೇಳಿ,” ಎಂದು ಹೊರಗೆ ಹೋಗಿ ನಿಂತ. ಜಲಜಾ ಚೀಟಿಯ ನಂಬರನ್ನು ಒಂದೊಂದೇ ಅಕ್ಷರವಾಗಿ ಹೇಳಿದಳು. ಅದು ಅವರ ಪಟ್ಟಿಯಲ್ಲಿ ಸಿಕ್ಕಿತು: ಹರಾಜಿನಲ್ಲಿ ಕೊಂಡ ದಿನ, ಯಾರ್ಡಿನ ಸಾಲು, ಜಜ್ಜಿದ ದಿನ, ಎಲ್ಲ. ಅದನ್ನು ಮುದ್ರಿಸಿ ಸೀಲು ಹಾಕಿಸಿಕೊಂಡಳು. ಸೀಲು ಮಸುಕಾಗಿ ಬಿತ್ತು. ಇನ್ನೊಂದು ಸಲ ಹಾಕಿಸಿದಳು. ಮೂರು ಪ್ರತಿ ಮಾಡಿಸಿದಳು.

ವ್ಯಾನಿಲ್ಲದೆ ಬೋರಮ್ಮ ಹಿರಿಯರ ಕೇಂದ್ರಕ್ಕೆ ಹೋಗುವುದೇ ನಿಂತಿತ್ತು. ಸುರೇಶನ ಕಾರಿನಲ್ಲಿ ಒಮ್ಮೆ ಹೋಗಿ, ಇಳಿಯುವಾಗ ಮಂಡಿ ಹಿಡಿದುಕೊಂಡು, ಇನ್ನು ನಾನು ಒಲ್ಲೆ ಅಂದಿದ್ದರು. ಬೇಲಿಯಾಚೆಯಿಂದ, “ಆ ಸರ್ಕಾರದೋರ್ಗೆ ನಿನ್ ಮ್ಯಾಲೇನ್ ಸಿಟ್ಟವ್ವಾ?” ಎಂದು ಕೇಳಿದರು.

“ಸಿಟ್ಟೇನೂ ಇಲ್ಲ ಬೋರಮ್ಮಾವ್ರೇ. ಸಿಟ್ಟಿದ್ರೆ ಜಗಳ ಆದ್ರೂ ಆಡ್ಬಹುದಿತ್ತು. ಎಲ್ರೂ ನಗ್‌ನಗ್ತಾ ಇನ್ನೊಂದು ಕಾಗದ ಕೇಳ್ತಾರೆ.”

ಪೊಲೀಸರ ಅಪಾಯಿಂಟ್‌ಮೆಂಟು ಬೆಳಗ್ಗೆ ಎಂಟಕ್ಕೆ. ಜಲಜಾ ಏಳಕ್ಕೇ ಹೋಗಿ ನಿಂತಳು. ಬಂದ ಅಧಿಕಾರಿಗೆ ಐವತ್ತರ ಆಸುಪಾಸು, ದಪ್ಪ ಮೀಸೆ. ಕಾಗದಗಳನ್ನು ಒಂದೂ ಬಿಡದೆ ಓದಿದ. ಬಾನೆಟ್ಟಿನ ಚೀಟಿಯನ್ನೂ ಯಾರ್ಡಿನ ಹಾಳೆಯನ್ನೂ ಟಾರ್ಚು ಹಾಕಿ ತಾಳೆ ನೋಡಿದ. ಆಮೇಲೆ ಮಂಡಿಯೂರಿ ಒಳಗೆ ಇಣುಕಿ, “ಈ ಚೌಕಟ್ಟನ್ನು ಯಾರು ಕೂರಿಸಿದರು?” ಎಂದು ಕೇಳಿದ.

ಜಲಜಾಗೆ ರೇಗಿತು. ಇವನೂ ಗಂಡನ ವಿಚಾರ ತೆಗೆಯುತ್ತಾನೆ ಎಂದುಕೊಂಡು, ಕೊಂಚ ಗಟ್ಟಿಯಾಗಿಯೇ, “ನಾನು. ಹಾಳೆಯಲ್ಲಿ ಬರೆದಿದ್ದೀನಿ,” ಎಂದಳು.

“ಅದು ನೋಡಿದೆ. ಎಡಗಡೆ ತೂತು ಹೊಂದುತ್ತಿರಲಿಲ್ಲ ಅಲ್ಲವೇ? ಗುದ್ದಿದ ಗಾಡಿಗಳಲ್ಲಿ ಹೊಂದುವುದಿಲ್ಲ. ಹೇಗೆ ಮಾಡಿದಿರಿ?”

ಮೂರು ತಿಂಗಳಲ್ಲಿ ಯಾರೂ ಕೇಳದ ಪ್ರಶ್ನೆ ಅದು. ಜಲಜಾ ಹೇಳಿದಳು: ಮೂಲೆಯಿಂದ ಮೂಲೆಗೆ ಟೇಪು ಹಿಡಿದು ನೋಡಿದಾಗ ಎಡಗಡೆ ಅರ್ಧ ಬೆರಳು ಒಳಗೆ ಹೋಗಿದ್ದದ್ದು, ತೂತು ದೊಡ್ಡದು ಮಾಡಿಬಿಟ್ಟರೆ ಸುಲಭವಾಗುತ್ತಿತ್ತು, ಆದರೆ ಹಾಗೆ ಮಾಡಬಾರದೆಂದು ಸರಪಳಿ ಕಟ್ಟಿ, ದಿನಕ್ಕೆ ಸ್ವಲ್ಪ ಸ್ವಲ್ಪವೇ ಎಳೆದದ್ದು, ನಾಲ್ಕನೆಯ ದಿನ ಬೋಲ್ಟು ಕೈಯಲ್ಲೇ ತಿರುಗಿ ಒಳಗೆ ಹೋದದ್ದು. ಹೇಳುತ್ತ ಅವಳ ಇಂಗ್ಲಿಷು ಎಲ್ಲೋ ತಪ್ಪಿತು, ಕೈಯಲ್ಲಿ ತೋರಿಸಿದಳು. ಅವನು ತಲೆಯಾಡಿಸುತ್ತ ಕೇಳಿದ. ಹೊಗಳಲಿಲ್ಲ. ತನ್ನ ಹಾಳೆಯಲ್ಲಿ ರಿಪೇರಿ ಮಾಡಿದವರು ಎಂಬಲ್ಲಿ ಅವಳ ಹೆಸರನ್ನು ಒಂದೊಂದೇ ಅಕ್ಷರ ಕೇಳಿಕೊಂಡು ಬರೆದ. ಸಹಿ ಹಾಕಿ ಕೊಟ್ಟು ಮುಂದಿನ ಗಾಡಿಗೆ ಹೋದ.

ಇಷ್ಟಾದರೂ ನೋಂದಣಿ ಕಚೇರಿಯಲ್ಲಿ ಇನ್ನೆರಡು ಗಂಟೆ ಕಾಯಬೇಕಾಯಿತು. ಕಡೆಗೆ ಹೊಸ ಪ್ಲೇಟು ಕೈಗೆ ಬಂತು. ಮೂರು ವಾರದ ಮೇಲೆ ದಿನಸಿ ಅಂಗಡಿಗಳ ಜಾಹೀರಾತು ಕಾಗದಗಳ ಜೊತೆ ಟೈಟಲ್ಲೂ ಅಂಚೆಯಲ್ಲಿ ಬಂತು. ಅದರ ಮೇಲೆ, ಗಾಡಿ ಒಮ್ಮೆ ಗುಜರಿಯಾಗಿತ್ತು ಎಂಬ ಮಾತು ಅಚ್ಚಾಗಿತ್ತು. ಅದು ಇನ್ನು ಅಳಿಯುವುದಿಲ್ಲ. ಮಾರಲು ಹೋದರೆ ಅರ್ಧ ಬೆಲೆಯೂ ಸಿಗುವುದಿಲ್ಲ. ಜಲಜಾಗೆ ಮಾರುವ ಯೋಚನೆ ಇರಲಿಲ್ಲ. ಚಾಸಿ ನಂಬರಿನ ಹದಿನೇಳು ಅಕ್ಷರಗಳನ್ನೂ ಬೆರಳಿಟ್ಟು ಎರಡು ಸಲ ಓದಿ, ಸರಿಯಿದೆ ಎಂದು ಖಾತ್ರಿಯಾದ ಮೇಲೆ ಫೈಲಿಗೆ ಸೇರಿಸಿದಳು.

ಆ ಶನಿವಾರ ಹತ್ತಿರದ ಡಬ್ಲಿನ್ ಎಂಬ ಊರಿನಲ್ಲಿ ಒಂದು ಗೃಹಪ್ರವೇಶವಿತ್ತು. ತನ್ನ ಕಾರಿನಲ್ಲೇ ಹೋಗೋಣ ಎಂದು ಅರವಿಂದ ಹೇಳುತ್ತಾನೇನೋ ಎಂದು ಅವಳು ಕಾದಳು. ಅವನು ಹೇಳಲಿಲ್ಲ, ಹಣ್ಣಿನ ತಟ್ಟೆ ತೊಡೆಯ ಮೇಲಿಟ್ಟುಕೊಂಡು ವ್ಯಾನಿನಲ್ಲಿ ಅವಳ ಪಕ್ಕ ಬಂದು ಕೂತ. ಫ್ರೀವೇಗೆ ಏರಿ ವೇಗ ಹೆಚ್ಚಿದಾಗ ಎಲ್ಲಿಂದಲೋ ಸುಯ್ ಎಂಬ ಸದ್ದು ಬರತೊಡಗಿತು. ಅರವಿಂದ ಒಂದು ಮೈಲಿ ತಡೆದುಕೊಂಡ.

“ಅದೇನು ಸದ್ದು?” ಎಂದು ಕೇಳಿದ ಕಡೆಗೆ, ತುಂಬ ಮೆತ್ತಗೆ.

“ನಿಮ್ಮ ಕಡೆ ಕಿಟಕಿ ಪೂರ್ತಿ ಏರಿಸಿಲ್ಲ,” ಎಂದಳು ಜಲಜಾ.