ಕೊಕ್ಕರೆವೀರನ ತಾಯಿಯ ಕೆಮ್ಮು

ಉಕ್ಕಿನ ಕೊಕ್ಕರೆ ಎಂಬ ಮಹಾವೀರನ ಮೇಲೆ ಲೋರ್ನಾ ವಿಕರಿಗೆ ಮೂರು ವರ್ಷದಲ್ಲಿ ಒಂದು ದಿನವೂ ಗೌರವ ಹುಟ್ಟಲಿಲ್ಲ. ಹುಟ್ಟುವುದಾದರೂ ಹೇಗೆ? ಮೊಣಕಾಲನ್ನು ಹಿಂದಕ್ಕೆ ಮಡಚುವ, ಒಂಟಿಕಾಲಲ್ಲಿ ನಿಂತು ಗಹನವಾಗಿ ಯೋಚಿಸುವ, ಬಿಗಿ ಚಡ್ಡಿಯ ಮೇಲೆ ಬೂದು ರೆಕ್ಕೆ ಕಟ್ಟಿಕೊಂಡ ಗಂಡಸೊಬ್ಬ ಊರು ಕಾಯುತ್ತಾನೆ ಎಂಬುದನ್ನು ನಂಬಲು ಒಂದೋ ಎಂಟು ವರ್ಷದವರಾಗಿರಬೇಕು, ಇಲ್ಲವೇ ಬರ್ಬ್ಯಾಂಕಿನ ಸಿನಿಮಾ ಸ್ಟುಡಿಯೋದಲ್ಲಿ ಉಪಾಧ್ಯಕ್ಷರಾಗಿರಬೇಕು. ಆ ಸ್ಟುಡಿಯೋದಲ್ಲಿ ಉಪಾಧ್ಯಕ್ಷರು ಹನ್ನೊಂದು ಜನ ಇದ್ದರು. ಪೆನ್ಸಿಲ್ ಹಿಡಿಯಲು ಬರುವವರು ಅವರಲ್ಲಿ ಒಬ್ಬರೂ ಇರಲಿಲ್ಲ.

ಕೊಕ್ಕರೆ ಹುಟ್ಟಿದ್ದು ಅರವತ್ತರ ದಶಕದಲ್ಲಿ, ಔಷಧಿ ಅಂಗಡಿಯ ತಂತಿ ಸ್ಟ್ಯಾಂಡಿನಲ್ಲಿ ಸಿಗುತ್ತಿದ್ದ ತೆಳ್ಳನೆಯ ಕಾಮಿಕ್ಸಿನಲ್ಲಿ. ಇಪ್ಪತ್ತೆರಡು ಸಂಚಿಕೆ ಬಂದು ನಿಂತುಹೋಯಿತು. ಯಾರೂ ಅಳಲಿಲ್ಲ. ನಲವತ್ತೈದು ವರ್ಷ ಕಳೆದ ಮೇಲೆ, ಒಳ್ಳೆಯ ವೀರರನ್ನೆಲ್ಲ ಬೇರೆ ಸ್ಟುಡಿಯೋದವರು ಬಾಚಿಕೊಂಡು ಹೋಗಿದ್ದರಿಂದ, ಇವರಿಗೆ ಕೊಕ್ಕರೆ ಸಿಕ್ಕಿತು. ಅದನ್ನು ಪೂರ್ತಿ ಉದ್ದದ ಅನಿಮೇಷನ್ ಚಿತ್ರ ಮಾಡುತ್ತೇವೆ ಎಂದು ಘೋಷಿಸಿದ ದಿನ ಅಂಗಳದಲ್ಲಿ ಕೊಕ್ಕರೆ ಆಕಾರದ ಕೇಕು ಕತ್ತರಿಸಿದರು. ಲೋರ್ನಾ ಪಾಲಿಗೆ ಬಂದದ್ದು ಕಾಲು.

ಅವಳಿಗೆ ಆಗ ಐವತ್ನಾಲ್ಕು. ಹುಟ್ಟೂರು ಬೇಕರ್ಸ್‌ಫೀಲ್ಡ್. ತಾಯಿ ಓಪಲ್ ಹೆದ್ದಾರಿ ಪಕ್ಕದ ಡೈನರಿನಲ್ಲಿ ಲಾರಿ ಚಾಲಕರಿಗೆ ಮೊಟ್ಟೆ, ಕಾಫಿ, ಬಾಯಿತುಂಬ ಬೈಗುಳ ಬಡಿಸುತ್ತಿದ್ದ ಹೆಂಗಸು. ಶಾಲೆ ಬಿಟ್ಟ ಮೇಲೆ ಲೋರ್ನಾ ಅದೇ ಕೌಂಟರಿನ ತುದಿಯಲ್ಲಿ ಕೂತು ಕಾಮಿಕ್ಸು ಓದುತ್ತಿದ್ದಳು. ಕೊಕ್ಕರೆಯ ಮೊದಲ ಸಂಚಿಕೆಯನ್ನೂ ಅಲ್ಲೇ ಓದಿದ್ದು. ಎರಡನೇ ಪುಟದಲ್ಲಿ ವೀರನ ತಾಯಿ ಒಂದೇ ಮಾತಾಡಿ ಸಾಯುತ್ತಾಳೆ. ಓಪಲ್ ಮಗಳ ಭುಜದ ಮೇಲಿಂದ ಇಣುಕಿ ನೋಡಿ, “ಎರಡೇ ಪುಟಕ್ಕೆ ಸಾಯ್ಸಿಬಿಟ್ರಾ? ಮಿಕ್ಕಿದ್ದಕ್ಕೆಲ್ಲ ಅವ್ನ ಚಡ್ಡಿ ಒಗ್ಯೋರು ಯಾರಂತೆ?” ಎಂದಿದ್ದಳು.

ಓಪಲ್‌ಗೆ ಒಂದು ಅಭ್ಯಾಸ. ಬೈಯುವಾಗ ಗಂಟಲು ಗಂಟೆಯಂತೆ ಇರುತ್ತಿತ್ತು. ಪ್ರೀತಿಯ ಮಾತು ಬಂತೋ, ಮೊದಲು ಕೆಮ್ಮು. ಒಣ ಕೆಮ್ಮು, ಎರಡು ಸಲ. ಇಪ್ಪತ್ತಮೂರನೇ ವಯಸ್ಸಿನಲ್ಲಿ ಲೋರ್ನಾ ನಟಿಯಾಗುತ್ತೇನೆಂದು ಪೆಟ್ಟಿಗೆ ಕಟ್ಟಿದಾಗ ಓಪಲ್ ಬಾಗಿಲಲ್ಲಿ ನಿಂತು ಎರಡು ಸಲ ಕೆಮ್ಮಿ, “ಬಾಗ್ಲು ಹಾಕಿರಲ್ಲ. ಯಾವಾಗ ಬೇಕಾದ್ರೂ ಬಾ,” ಎಂದಳು. ಅಷ್ಟೇ. ಒಳಗೆ ಹೋಗಿ ಪಾತ್ರೆ ಕುಕ್ಕಿದಳು.

ನಟಿಯಾಗುವ ಆಸೆ ಎರಡೇ ವರ್ಷಕ್ಕೆ ಮಣ್ಣುಪಾಲಾಯಿತು. ಲೋರ್ನಾ ಸ್ಟುಡಿಯೋದಲ್ಲಿ ಟೈಪಿಂಗಿಗೆ ಸೇರಿದವಳು ಅಲ್ಲೇ ಬೇರು ಬಿಟ್ಟಳು. ಯಾವ ದೃಶ್ಯ ಯಾರ ಮೇಜಿನ ಮೇಲಿದೆ, ಯಾರ ತಲೆ ತಿಂದರೆ ಅದು ಮುಂದಕ್ಕೆ ಹೋಗುತ್ತದೆ, ಇದು ಅವಳ ಕೆಲಸ. ಚಿತ್ರದ ಕೊನೆಯಲ್ಲಿ ಓಡುವ ಹೆಸರುಗಳ ಪಟ್ಟಿಯನ್ನು ಟೈಪ್ ಮಾಡುವುದೂ ಅವಳೇ. ಮೂವತ್ತು ವರ್ಷದಲ್ಲಿ ಸಾವಿರಾರು ಜನರ ಹೆಸರನ್ನು ಅವಳು ತಪ್ಪಿಲ್ಲದೆ ಟೈಪ್ ಮಾಡಿದ್ದಳು. ಓಪಲ್ ಇದ್ದಷ್ಟು ದಿನ ಪ್ರತಿ ಚಿತ್ರಕ್ಕೂ ಹೋಗಿ ಕೊನೆಯ ಹೆಸರು ಮುಗಿಯುವ ತನಕ ಕೂತು, ಕಸ ಗುಡಿಸುವವರ ಹತ್ತಿರ ಬೈಸಿಕೊಂಡು ಬರುತ್ತಿದ್ದಳು.

ಇನ್ನು ಆ ಕಸುಬಿನ ಒಂದು ಪದ್ಧತಿ ಹೇಳಬೇಕು. ಚಿತ್ರ ಬರೆಯುವ ಮೊದಲು ಬರೀ ಗೀಚುಚಿತ್ರಗಳನ್ನು ಸಾಲಾಗಿ ಜೋಡಿಸಿ ಇಡೀ ಕತೆಯನ್ನು ಓಡಿಸಿ ನೋಡುತ್ತಾರೆ. ಅದಕ್ಕೆ ದನಿ ಬೇಕು. ಅಷ್ಟಕ್ಕೆಲ್ಲ ದೊಡ್ಡ ನಟರನ್ನು ಕರೆಸುವುದುಂಟೇ? ಹಾದಿಯಲ್ಲಿ ಸಿಕ್ಕವರನ್ನು ಹಿಡಿದು ಮೈಕಿನ ಮುಂದೆ ನಿಲ್ಲಿಸುತ್ತಾರೆ. ಅದು ಕಚ್ಚಾ ದನಿ. ಆಮೇಲೆ ತಾರೆ ಬಂದು ಒಂದು ಮಧ್ಯಾಹ್ನದಲ್ಲಿ ಮುಗಿಸಿ ಹೋದರೆ, ಕಚ್ಚಾ ದನಿಯನ್ನು ಕಸಕ್ಕೆ ಹಾಕುತ್ತಾರೆ. ಕೊಕ್ಕರೆ ಚಿತ್ರದಲ್ಲಿ ಖಳನಾಯಕನ ಕಚ್ಚಾ ದನಿ ಸಂಕಲನಕಾರ ವಾಹೆಯದು. ಗ್ಲೆಂಡೇಲಿನ ಅರ್ಮೇನಿಯನ್, ಲೋರ್ನಾಳಿಗೆ ಇಪ್ಪತ್ತು ವರ್ಷದ ಊಟದ ಜೊತೆಗಾರ. ತಾಯಿಯದು ಲೋರ್ನಾಳಿಗೆ ಬಂತು.

ಹಾಳೆಯಲ್ಲಿ ಬರೆದಿದ್ದ ಮಾತು ಹೀಗಿತ್ತು: “ಮಗನೇ, ನಿನ್ನೊಳಗಿನ ರೆಕ್ಕೆಗಳನ್ನು ನಂಬು.”

“ಥೂ,” ಎಂದಳು ಲೋರ್ನಾ ಮೈಕಿನಲ್ಲೇ. “ಯಾವ ತಾಯಿ ಹೀಗ್ ಮಾತಾಡ್ತಾಳೆ? ರಬ್ಬರ್ ಗೊಂಬೆನಾ ಇವ್ಳು?”

“ಹಂಗಾದ್ರೆ ನೀನೇ ಏನಾದ್ರೂ ಹೇಳೇ ಮಾರಾಯ್ತಿ, ನಂಗೆ ಊಟಕ್ಕೆ ಹೋಗ್ಬೇಕು,” ಎಂದ ವಾಹೆ.

ಲೋರ್ನಾ ಎರಡು ಸಲ ಕೆಮ್ಮಿದಳು. “ಬಾಗ್ಲು ಹಾಕಿರಲ್ಲ. ಯಾವಾಗ ಬೇಕಾದ್ರೂ ಬಾ.”

ವಾಹೆ ಊಟಕ್ಕೆ ಹೋಗಲಿಲ್ಲ. ಅದನ್ನೇ ನಾಲ್ಕು ಸಲ ಕೇಳಿದ. ಮಾತು ಉಳಿಯಿತು. ಕತೆ ಬರೆಯುವ ಮೂವರು ಮಹನೀಯರು ಮರುವಾರದಿಂದಲೇ ಅದು ತಮ್ಮದೆಂದು ಹೇಳಿಕೊಂಡು ತಿರುಗಿದರು. ಹಾಗೆ ಹೇಳಿಕೊಂಡದ್ದಕ್ಕೆ ಲೋರ್ನಾ ತಲೆಕೆಡಿಸಿಕೊಳ್ಳಲಿಲ್ಲ. ಓಪಲ್ ತೀರಿಕೊಂಡು ಆರು ವರ್ಷವಾಗಿತ್ತು. ಆ ಕೆಮ್ಮನ್ನು ಲೋರ್ನಾ ಮತ್ತೆ ಕೇಳಿದ್ದು ತನ್ನದೇ ಬಾಯಲ್ಲಿ, ವಾಹೆಯ ಕೋಣೆಯಲ್ಲಿ. ಅವಳಿಗೆ ಬೇಕಾದದ್ದು ಒಂದೇ: ಅದು ಚಿತ್ರದಲ್ಲಿ ಉಳಿಯಬೇಕು, ಅದರ ಪಕ್ಕದಲ್ಲಿ ತನ್ನ ಹೆಸರಿರಬೇಕು.

ಆಸೆಗೆ ಕಾರಣವೂ ಇತ್ತು. ಮಾಲ್ ಒಂದರಲ್ಲಿ ದಾರಿಹೋಕರನ್ನು ಕರೆದು ಅರ್ಧಂಬರ್ಧ ಚಿತ್ರ ತೋರಿಸಿ ಅಭಿಪ್ರಾಯದ ಚೀಟಿ ಬರೆಸಿಕೊಂಡಾಗ, ಹತ್ತರಲ್ಲಿ ಎಂಟು ಜನ ‘ತಾಯಿ ತುಂಬ ಇಷ್ಟವಾದಳು’ ಎಂದಿದ್ದರು. ‘ಕೊಕ್ಕರೆ ಇಷ್ಟವಾದ’ ಎಂದವರು ಇಬ್ಬರು, ಅದರಲ್ಲೊಬ್ಬ ಪಾಪ್‌ಕಾರ್ನ್ ಕೂಡ ಇಷ್ಟವಾಯಿತು ಎಂದು ಬರೆದಿದ್ದ. ನೆಟ್ಟಗಿನ ತಲೆಯಿರುವ ಯಾರಾದರೂ ಆಗ ಏನು ಮಾಡುತ್ತಿದ್ದರು? ಆ ದನಿಯನ್ನು ಮುಟ್ಟದೆ ಬಿಡುತ್ತಿದ್ದರು. ಹನ್ನೊಂದು ಉಪಾಧ್ಯಕ್ಷರು ಸಭೆ ಸೇರಿ ತೀರ್ಮಾನಿಸಿದ್ದೇ ಬೇರೆ: ತಾಯಿಯ ಪಾತ್ರ ಇಷ್ಟು ಜನಪ್ರಿಯವಾಗಿದೆ ಎಂದ ಮೇಲೆ ಅದಕ್ಕೆ ದೊಡ್ಡ ತಾರೆಯನ್ನೇ ಹಾಕಬೇಕು!

ಆ ಸುದ್ದಿ ತಂದವನು ನಿರ್ದೇಶಕ ಟ್ರೆಂಟ್ ಹಾಲ್ವರ್ಸನ್. ಒಂದು ಕಾಲದಲ್ಲಿ ಇದೇ ಲೋರ್ನಾಳ ಹತ್ತಿರ ಸ್ಟೇಪ್ಲರ್ ಬೇಡಿ ಪಡೆಯುತ್ತಿದ್ದವನು, ಈಗ ಮೂವತ್ತಾರಕ್ಕೇ ಪಟ್ಟ ಏರಿದ್ದ.

“ಲೋರ್ನಾ, ಖುಷಿ ಪಡ್ಬೇಕು ನೀವು! ನಿಮ್ಮಿಂದಾನೇ ಡೆಲ್ಫಿನ್ ರೋರ್ಕ್ ಅಂಥವ್ರು ಒಪ್ಕೊಂಡ್ರು.”

“ನಾನು ಚೆನ್ನಾಗ್ ಮಾಡಿದ್ದಕ್ಕೆ ನನ್ನ ತೆಗೀತಿದೀಯಾ?”

“ತೆಗೆಯೋದಲ್ಲ, ಮೇಲಕ್ಕೆ ಏರಿಸೋದು... ಪಾತ್ರಾನ.”

“ಪಾತ್ರ ಮೇಲಕ್ಕೆ, ನಾನು ಕೆಳಕ್ಕೆ. ಸರಿ ಬಿಡಪ್ಪ.”

ಡೆಲ್ಫಿನ್ ರೋರ್ಕ್ ಒಂದು ಗುರುವಾರ ಬಂದಳು. ಜೊತೆಗೆ ಇಬ್ಬರು ಸಹಾಯಕಿಯರು, ಒಂದು ನಾಯಿ, ನಾಯಿಗೊಬ್ಬ ಸಹಾಯಕ. ಲೋರ್ನಾಳ ದನಿಯನ್ನು ಕಿವಿಗೆ ಹಾಕಿಕೊಂಡು ಕೇಳಿ ಅದೇ ಧಾಟಿಯಲ್ಲಿ ಹೇಳಿದಳು. ದೊಡ್ಡ ಹೋಟೆಲಿನ ಬಾಗಿಲ ಬಳಿ ನಿಂತು ಅತಿಥಿಗಳನ್ನು ಸ್ವಾಗತಿಸುವವರ ಹಾಗಿತ್ತು ಅವಳ “ಬಾಗಿಲು ಹಾಕಿರಲ್ಲ.” ಕೆಮ್ಮು ಎಂದಾಗ ಮಾತ್ರ ಕಡ್ಡಿ ಮುರಿದ ಹಾಗೆ ಬೇಡವೆಂದಳು. ಗಂಟಲು ಅವಳ ಆಸ್ತಿಯಂತೆ, ಕೆಮ್ಮಿದರೆ ಸವೆಯುತ್ತದಂತೆ. ಮೂರು ಗಂಟೆಗೆ ಬಂದವಳು ಐದಕ್ಕೆ ಹೊರಟಳು. ನಾಯಿ ವಾಹೆಯ ಕುರ್ಚಿಯ ಕಾಲಿಗೆ ತನ್ನ ಅಭಿಪ್ರಾಯ ತಿಳಿಸಿ ಹೋಗಿತ್ತು.

ಮತ್ತೆ ಮಾಲು, ಮತ್ತೆ ಚೀಟಿ. ಈ ಸಲ ‘ತಾಯಿಗೆ ಮಗನೆಂದರೆ ಅಷ್ಟಕ್ಕಷ್ಟೇ ಅನಿಸುತ್ತದೆ’ ಎಂದು ಬಂತು. ಮೂರು ದಿನ ಸಭೆ ನಡೆಯಿತು. ತಾಯಿಯ ಕೂದಲ ಬಣ್ಣ ಬದಲಾಯಿಸೋಣವೇ, ಕೈಗೊಂದು ಬೆಕ್ಕು ಕೊಡೋಣವೇ ಎಂದು ಚರ್ಚೆಯಾಯಿತು. ಕೊನೆಗೆ ವಾಹೆ ಯಾರನ್ನೂ ಕೇಳದೆ ರೋರ್ಕಳ ಮಾತಿಗೆ ಮುಂಚೆ ಲೋರ್ನಾಳ ಎರಡು ಕೆಮ್ಮು ಸೇರಿಸಿ ಓಡಿಸಿದ. ಸಭೆಯಲ್ಲಿ ಮೂವರು ಮೂಗು ಒರೆಸಿಕೊಂಡರು.

ಕೆಮ್ಮು ಉಳಿಯಿತು. ಅದಕ್ಕೊಂದು ಕಾಗದ ಬೇಕಿತ್ತು. ಟ್ರೆಂಟ್ ಅದನ್ನು ತಂದು ಲೋರ್ನಾಳ ಮೇಜಿನ ಮೇಲಿಟ್ಟ. ಈ ಕೆಮ್ಮಿನ ಮೇಲೆ ನನಗೆ ಈ ಲೋಕದಲ್ಲಾಗಲಿ, ಮುಂದೆ ಕಂಡುಹಿಡಿಯಲಾಗುವ ಬೇರೆ ಲೋಕದಲ್ಲಾಗಲಿ ಯಾವ ಹಕ್ಕೂ ಇಲ್ಲ ಎಂದು ಎರಡು ಪುಟ.

“ಸಹಿ ಹಾಕ್ತೀನಿ. ಹೆಸರು ಹಾಕ್ಸು,” ಎಂದಳು ಲೋರ್ನಾ. “ತಾಯಿ: ಡೆಲ್ಫಿನ್ ರೋರ್ಕ್. ಅದರ ಕೆಳಗೆ, ತಾಯಿಯ ಕೆಮ್ಮು: ಲೋರ್ನಾ ವಿಕರಿ. ಚಿಕ್ಕ ಅಕ್ಷರದಲ್ಲೇ ಹಾಕ್ಸು, ನಂಗೇನೂ ಬೇಜಾರಿಲ್ಲ.”

“ಅಯ್ಯೋ, ಆಗಲ್ಲ ಲೋರ್ನಾ. ಆ ಪಾತ್ರಕ್ಕೆ ಅವರೊಬ್ರದ್ದೇ ಹೆಸರು ಅಂತ ಒಪ್ಪಂದ ಆಗಿದೆ.”

“ಹಂಗಾದ್ರೆ ಅವಳೇ ಕೆಮ್ಮಲಿ.”

“ನೀವು ನಮ್ಮ ಮನೆಯವ್ರಿದ್ದಂಗೆ. ಮನೆಯವ್ರು ಲೆಕ್ಕ ಹಾಕ್ತಾರಾ? ಇಡೀ ತಂಡಕ್ಕೆ ಗೊತ್ತು ಅದು ನಿಮ್ಮದು ಅಂತ. ಅದು ಸಾಲ್ದಾ?”

ಮನೆಯವರಂತೆ! ಮೂವತ್ತು ವರ್ಷದಲ್ಲಿ ನಾಲ್ಕು ಸಲ ಅವಳನ್ನು ಕೆಲಸದಿಂದ ತೆಗೆದು ಮತ್ತೆ ಕರೆದುಕೊಂಡಿದ್ದ ಮನೆ. ಲೋರ್ನಾ ಕಾಗದವನ್ನು ಡ್ರಾಯರಿಗೆ ತಳ್ಳಿ, ಯೋಚಿಸಿ ಹೇಳುತ್ತೇನೆ ಎಂದಳು. ಸಹಿ ಹಾಕದಿದ್ದರೆ ಕೆಮ್ಮು ಹೋಗುತ್ತದೆ, ಹಾಕಿದರೆ ಹೆಸರು ಹೋಗುತ್ತದೆ. ಕೆಮ್ಮು ಹೋದರೆ ಓಪಲ್ ಎರಡನೇ ಸಲ ಸತ್ತ ಹಾಗೆ. ಅದನ್ನು ಮಾತ್ರ ಲೋರ್ನಾಳಿಂದ ಸಹಿಸಲು ಆಗುತ್ತಿರಲಿಲ್ಲ. ಅವಳಿಗೆ ಸಿಟ್ಟಿಗಿಂತ ಹೆಚ್ಚಾಗಿ ನಾಚಿಕೆಯಾಯಿತು. ಇಂಥವರ ಕೈಲಿ ತಾಯಿಯ ಕೆಮ್ಮು ಕೊಟ್ಟೆನಲ್ಲ ಎಂದು.

ಅದೇ ವಾರ ಅವಳು ಕೊನೆಯ ಹೆಸರುಗಳ ಪಟ್ಟಿಗೆ ಕೂತಳು. ನಿರ್ದೇಶಕ ಬಂದ. ಹನ್ನೊಂದು ಉಪಾಧ್ಯಕ್ಷರು ಬಂದರು. ಅವರಿಗೆ ಊಟ ತಂದುಕೊಟ್ಟವರು ಬಂದರು. ರೋರ್ಕಳ ಇಬ್ಬರು ಸಹಾಯಕಿಯರು, ನಾಯಿಯ ಸಹಾಯಕ, ಎಲ್ಲರೂ ಬಂದರು. ಆಮೇಲೆ, ಈ ಕಸುಬಿನಲ್ಲಿ ಎಲ್ಲ ಚಿತ್ರಕ್ಕೂ ಮಾಡುವ ಹಾಗೆ, ಚಿತ್ರ ತಯಾರಾಗುವ ವರ್ಷಗಳಲ್ಲಿ ತಂಡದವರಿಗೆ ಹುಟ್ಟಿದ ಮಕ್ಕಳ ಪಟ್ಟಿ. ಹತ್ತೊಂಬತ್ತು ಕೂಸುಗಳು. ಒಂದೂ ಒಂದು ಗೆರೆ ಎಳೆದಿರಲಿಲ್ಲ, ಒಂದು ಕೆಮ್ಮು ಕೊಟ್ಟಿರಲಿಲ್ಲ. ಹುಟ್ಟಿದ್ದವು, ಅಷ್ಟೇ; ಅಷ್ಟಕ್ಕೇ ಬೆಳ್ಳಿತೆರೆಯ ಮೇಲೆ ಹೆಸರು.

ವಕೀಲರು ದೊಡ್ಡವರ ಹೆಸರನ್ನು ಭೂತಗನ್ನಡಿ ಹಿಡಿದು ನೋಡುತ್ತಾರೆ. ಮಕ್ಕಳ ಪಟ್ಟಿಯನ್ನು ಯಾರೂ ನೋಡುವುದಿಲ್ಲ. ಅಲ್ಲಿ ಮನೆತನದ ಹೆಸರೂ ಇರುವುದಿಲ್ಲ, ಬರೀ ಕರೆಯುವ ಹೆಸರು. ಲೋರ್ನಾ ಸ್ವಲ್ಪ ಹೊತ್ತು ಪರದೆಯನ್ನೇ ನೋಡಿದಳು. ಲೀಯಮ್ ಎಂಬ ಮಗುವಿಗೂ ಮೈಲೋ ಎಂಬ ಮಗುವಿಗೂ ನಡುವೆ ಇಂಗ್ಲಿಷ್ ಅಕ್ಷರಮಾಲೆಯ ಪ್ರಕಾರ ಜಾಗವಿತ್ತು. ಐದು ಅಕ್ಷರ ಒತ್ತಿದಳು. ಡ್ರಾಯರಿನಿಂದ ಕಾಗದ ತೆಗೆದು ಸಹಿ ಹಾಕಿ ಟ್ರೆಂಟ್‌ಗೆ ಕಳಿಸಿದಳು.

ಚಿತ್ರ ಬಿಡುಗಡೆಗೆ ಮುಂಚಿನ ಶನಿವಾರ ಬೆಳಿಗ್ಗೆ ತಂಡದವರಿಗೆಲ್ಲ ಪ್ರದರ್ಶನ. ಹೆಂಡತಿ, ಮಕ್ಕಳು, ಅತ್ತೆ, ಮಾವ ಎಲ್ಲರೂ ಬಂದಿದ್ದರು. ವಾಹೆ ಒಂದು ಡಬ್ಬಿ ತುಂಬ ಬಕ್ಲಾವ ಮಿಠಾಯಿ ತಂದು ಕತ್ತಲಲ್ಲಿ ಲೋರ್ನಾಳ ಕೈಗಿಡುತ್ತಿದ್ದ. ತೆರೆಯ ಮೇಲೆ ಕೊಕ್ಕರೆವೀರ ಕಾಮಿಕ್ಸಿನಲ್ಲಿ ಇದ್ದುದಕ್ಕಿಂತ ಹತ್ತುಪಟ್ಟು ಪೆದ್ದನಾಗಿದ್ದ. ಕಾಮಿಕ್ಸಿನಲ್ಲಿ ಅವನು ಮೀನು ಕದಿಯುವವರನ್ನಾದರೂ ಹಿಡಿಯುತ್ತಿದ್ದ. ಇಲ್ಲಿ ಒಂದೂವರೆ ಗಂಟೆ ತನ್ನ ಬಗ್ಗೆಯೇ ಮರುಗಿದ.

ತಾಯಿಯ ದೃಶ್ಯ ಬಂತು. ಸಾವಿರ ಕುರ್ಚಿಯ ಥಿಯೇಟರಿನಲ್ಲಿ, ಗೋಡೆಗೋಡೆಯ ಸ್ಪೀಕರಿನಿಂದ, ಓಪಲ್ ವಿಕರಿ ಎರಡು ಸಲ ಕೆಮ್ಮಿದಳು. ಆಮೇಲೆ ಯಾವುದೋ ಹೆಂಗಸು ಏನೋ ಹೇಳಿದಳು. ವಾಹೆ ಬಕ್ಲಾವ ಅಗಿಯುವುದನ್ನು ನಿಲ್ಲಿಸಿದ. ಸುತ್ತಲೂ ಮೂಗು ಸೇದುವ ಸದ್ದು. ಮುಂದಿನ ಸಾಲಿನಲ್ಲಿದ್ದ ಟ್ರೆಂಟ್ ಕಣ್ಣೊರೆಸಿಕೊಂಡು ಪಕ್ಕದ ಉಪಾಧ್ಯಕ್ಷನಿಗೆ, “ಏನ್ ಕಲಾವಿದೆ ಸಾರ್ ಈ ರೋರ್ಕ್!” ಎಂದ.

ಚಿತ್ರ ಮುಗಿಯಿತು. ಯಾರೂ ಏಳಲಿಲ್ಲ, ತಂಡದ ಪ್ರದರ್ಶನವೆಂದರೆ ಕೊನೆಯ ಹೆಸರಿನವರೆಗೂ ಕೂತು, ತಮ್ಮವರ ಹೆಸರು ಬಂದಾಗ ಕೂಗಬೇಕು. ಗುಮಾಸ್ತರ ಸಾಲಿನಲ್ಲಿ ಎಂದಿನ ಹಾಗೆ ಲೋರ್ನಾ ವಿಕರಿ ಬಂದು ಹೋದಳು. ವಾಹೆ ಒಬ್ಬನೇ ಶಿಳ್ಳೆ ಹೊಡೆದ. ಮಕ್ಕಳ ಪಟ್ಟಿ ಬಂದಾಗ ಥಿಯೇಟರು ಮೇಲೆ ಕೆಳಗಾಯಿತು. ಪ್ರತಿ ಹೆಸರಿಗೂ ಒಂದೊಂದು ಮೂಲೆಯಿಂದ ಕೇಕೆ. ಲೀಯಮ್‌ಗೆ ಕೇಕೆ. ಆಮೇಲಿನ ಹೆಸರಿಗೆ ಯಾವ ಮೂಲೆಯಿಂದಲೂ ಏನೂ ಇಲ್ಲ. ಮೈಲೋಗೆ ಮತ್ತೆ ಕೇಕೆ.

ದೀಪ ಹತ್ತಿದ ಮೇಲೆ ಟ್ರೆಂಟ್ ಹಿಂದಕ್ಕೆ ತಿರುಗಿದ. ಕಣ್ಣು ಇನ್ನೂ ಕೆಂಪಗಿತ್ತು.

“ಲೋರ್ನಾ, ನೋಡಿದ್ರಾ? ನಿಮ್ಮ ಹೆಸರಿನ ಮಗುನೂ ಒಂದಿದೆ! ಯಾರದ್ದು ಅದು?”

“ಓಪಲ್ ಅಂತ. ಅವಳದು.”

“ಓಪಲ್... ಓಪಲ್...” ಟ್ರೆಂಟ್ ನೆನಪಿಸಿಕೊಳ್ಳುವವನ ಹಾಗೆ ಹಣೆ ತಟ್ಟಿಕೊಂಡ. ಗೊತ್ತಿಲ್ಲ ಎಂದು ಒಪ್ಪಿಕೊಂಡರೆ ಅವನೆಂಥ ನಿರ್ದೇಶಕ? “ಹಾಂ, ಗೊತ್ತಾಯ್ತು! ಒಳ್ಳೇ ಕೆಲಸಗಾರ್ತಿ. ಮಗುಗೆ ಕೊಕ್ಕರೆ ಅಂಗಿ ಸಿಕ್ತಾ? ಎಲ್ಲಾ ಮಕ್ಳಿಗೂ ಒಂದೊಂದು ಕೊಡ್ತಿದೀವಿ.”

“ಇಲ್ಲ, ಸಿಕ್ಕಿಲ್ಲ.”

“ಛೆ, ಸೋಮವಾರನೇ ಕಳಿಸ್ತೀನಿ. ಎಷ್ಟು ತಿಂಗಳು ಮಗುಗೆ?”

ಲೋರ್ನಾ ಎರಡು ಸಲ ಕೆಮ್ಮಿದಳು. ಟ್ರೆಂಟ್‌ನ ನಗು ಅಲ್ಲೇ ಅರ್ಧಕ್ಕೆ ನಿಂತಿತು.

“ಸ್ವಲ್ಪ ದೊಡ್ಡ ಅಳತೇದೇ ಕಳ್ಸಪ್ಪ,” ಎಂದಳು ಅವಳು, ಎದ್ದು ಚೀಲ ಹೆಗಲಿಗೇರಿಸಿಕೊಳ್ಳುತ್ತ. “ಮಗುಗೆ ಐವತ್ತೇಳು ವರ್ಷ.”