ದೆವ್ವದ ಸೆರಗು ತಿರುವಿ ನೋಡಿದವರು

ನನ್ನ ಮೊದಲ ಎರಡು ದೆವ್ವದ ಸಿನಿಮಾಗಳಿಗೆ ಜನ ಬಿದ್ದು ಬಿದ್ದು ನಕ್ಕಿದ್ದರು. ಮೂರನೆಯದಕ್ಕೆ ದುಡ್ಡು ಹಾಕಿದ್ದ ಚಳ್ಳಕೆರೆಯ ಎಣ್ಣೆ ಮಿಲ್ ಸಾವ್ಕಾರರು ಮುಹೂರ್ತದ ದಿನವೇ ಹೇಳಿಬಿಟ್ಟರು: “ನೋಡಪ್ಪಾ, ಈ ಸಲ ಒಬ್ರಾದ್ರೂ ಹೆದರ್ಬೇಕು. ಇಲ್ಲಾಂದ್ರೆ ಸಿನಿಮಾ ಬಿಟ್ಟು ನನ್ ಮಿಲ್‌ನಾಗೆ ದಬ್ಬಣ ಹಿಡ್ಕಂಡು ಶೇಂಗಾ ಚೀಲ ಹೊಲಿಯುವಂತೆ, ಬಾ.”

ದೇವಸಮುದ್ರದ ಹತ್ತಿರದ ಬಂಡೆಗಳ ನಡುವೆ ಶೂಟಿಂಗ್. ಮಟಮಟ ಮಧ್ಯಾಹ್ನ, ಕತ್ತಲನ್ನು ಆಮೇಲೆ ಕಂಪ್ಯೂಟರಿನಲ್ಲಿ ಬಳಿಯುವುದೆಂದು ತೀರ್ಮಾನ. ಅವತ್ತು ಜೋರು ಗಾಳಿಯಿತ್ತು ಎಂದು ನನ್ನ ನೆನಪು. ಆದರೆ ಆ ಗಾಳಿಗೆಂದು ಫ್ಯಾನ್ ತರಿಸಿದವನೂ ನಾನೇ, ಹಾಗಾಗಿ ಈ ನೆನಪನ್ನು ಅಷ್ಟಾಗಿ ನಂಬಬೇಡಿ.

ದೆವ್ವ ಮದುವೆಯ ದಿನವೇ ಸತ್ತ ಹೆಣ್ಣು. ದೆವ್ವಕ್ಕೆ ಬಿಳಿ ಸೀರೆ ಉಡಿಸುವುದು ಹಳತಾಯಿತೆಂದು, ನಮ್ಮವ್ವನ ಮೊಳಕಾಲ್ಮೂರು ರೇಷ್ಮೆ ಸೀರೆ ಉಡಿಸಿದ್ದೆ. ಎಡವಿದ್ದು ಅಲ್ಲೇ. ಎದುರಿಗೆ ರೇಷ್ಮೆ ಸೀರೆ ಬಂದರೆ ನಮ್ಮ ಕಡೆಯ ಹೆಂಗಸರು ಉಟ್ಟವರ ಮುಖ ನೋಡುವ ಮೊದಲು ಸೆರಗು ಹಿಡಿದು, ತಿರುವಿ, ಹಿಂಬದಿಯ ನೇಯ್ಗೆ ನೋಡುತ್ತಾರೆ. ಮದುವೆಮನೆಯಲ್ಲಿ, ಬಸ್ಸಿನಲ್ಲಿ, ಗುರುತಿಲ್ಲದವರದ್ದನ್ನೂ.

ದೆವ್ವ ಬಂಡೆಯ ಹಿಂದಿನಿಂದ ಹೊರಬಂತು. ಕಿರುಚಿಕೊಂಡು ಓಡಬೇಕಾಗಿದ್ದ ಊರಿನ ಹೆಂಗಸರಲ್ಲಿ ಹಿರಿಯ ಅಜ್ಜಿಯೊಬ್ಬರು ನೆಟ್ಟಗೆ ಹೋಗಿ ಅದರ ಸೆರಗಿಗೆ ಕೈ ಹಾಕಿದರು.

“ಬರ್ರೇ, ಇಲ್ ನೋಡ್ರೇ! ಹಿಂದ್ಗಡೆನೂ ಎಷ್ಟ್ ನೀಟಾಗೈತೆ!”

“ಅಜ್ಜೀ, ಅದು ದೆವ್ವ! ಓಡ್ಬೇಕು!” ಎಂದು ಕೂಗಿದೆ.

“ಓಡ್ತೀನಿ ತಡಿಯಪ್ಪಾ, ಅಂಚು ನೋಡ್ಕಂಡು ಓಡ್ತೀನಿ. ಸತ್ತಿರೋದು ಅವಳು ತಾನೆ, ಸೀರೆ ಅಲ್ಲವಲ್ಲ!”

ಮತ್ತೆ ತೆಗೆದರೂ ಅದೇ. ಕೋರೆಹಲ್ಲು ಸಿಕ್ಕಿಸಿಕೊಂಡು ಬಿಸಿಲಲ್ಲಿ ನಿಂತಿದ್ದ ನಟಿಗೆ ರೇಗಿಹೋಯಿತು. ಸೆರಗಿನ ಮೇಲೆ ಬಗ್ಗಿದ್ದ ಅಜ್ಜಿಯ ಹತ್ತಿರ ಮುಖ ತಂದು ಬಾಯಿ ತೆರೆದಳು. ಅಜ್ಜಿಯ ಕಣ್ಣು ಅಂಚಿನಿಂದ ಹೆಗಲಿಗೆ, ಹೆಗಲಿನಿಂದ ಕತ್ತಿಗೆ ಮೆಲ್ಲಗೆ ಏರಿತು. ಕೈಯಿಂದ ಸೆರಗು ಜಾರಿತು.

ನಾನು ‘ಕಟ್’ ಎನ್ನಬೇಕೆಂದಿದ್ದೆ. “ಲೇ, ಸುಮ್ಕಿರಲೇ,” ಎಂದ ಕ್ಯಾಮೆರಾದವನು. ಅಥವಾ ಅದನ್ನು ಅವನಿಗೆ ಹೇಳಿದವನು ನಾನು. ಈ ವಿಷಯಕ್ಕೆ ನಾವಿಬ್ಬರೂ ಈಗಲೂ ಜಗಳವಾಡುತ್ತೇವೆ. ಆಮೇಲೆ ಅಜ್ಜಿ ದೆವ್ವಕ್ಕೆ ಚೆನ್ನಾಗಿ ಬೈದರು. ಬೈಗುಳ ಕತ್ತರಿಸಿ ಉಳಿದದ್ದನ್ನು ಇಟ್ಟುಕೊಂಡೆ.

ಬಿಡುಗಡೆಯ ದಿನ ಚಳ್ಳಕೆರೆಯ ಥಿಯೇಟರಿನಲ್ಲಿ ಮೊದಲರ್ಧ ಪೂರ್ತಿ ನಗು. ಪಕ್ಕದಲ್ಲಿದ್ದ ಸಾವ್ಕಾರರು ನನ್ನತ್ತ ತಿರುಗಿ ಗಾಳಿಯಲ್ಲೇ ದಬ್ಬಣ ಆಡಿಸಿ ತೋರಿಸಿದರು. ನಮ್ಮ ಮುಂದಿನ ಸಾಲಿನಲ್ಲಿ ಅವರ ಹೆಂಡತಿ, ಅವರ ಪಕ್ಕಕ್ಕೆ ನಮ್ಮವ್ವ. ಅವ್ವ ಹೊಸ ರೇಷ್ಮೆ ಸೀರೆ ಉಟ್ಟು ಬಂದಿದ್ದಳು. ಸಾವ್ಕಾರರ ಹೆಂಡತಿ, ಆ ಮಹಾತಾಯಿ, ಸಿನಿಮಾ ಬಿಟ್ಟು, ಪರದೆಯ ಬೆಳಕಿನಲ್ಲಿ ಅವ್ವನ ಸೆರಗು ತಿರುವಿ ತಿರುವಿ ನೋಡುತ್ತಿದ್ದರು.

ಪರದೆಯ ಮೇಲೆ ಅಜ್ಜಿಯೂ ಸೆರಗು ತಿರುವಿದರು. ಕಣ್ಣು ಮೇಲೇರಿತು. ನಗು ನಿಂತಿತು.

ಸಾವ್ಕಾರರ ಹೆಂಡತಿ ಕೆಂಡ ಮುಟ್ಟಿದವರಂತೆ ಕೈ ಬಿಟ್ಟರು. ನಿಧಾನವಾಗಿ ಅವ್ವನ ಮುಖದ ಕಡೆ ಕತ್ತೆತ್ತಿದರು. ನಮ್ಮವ್ವ, ಅದೇನು ಹೊಳೆಯಿತೋ, ಹಲ್ಲು ಕಿರಿದಳು.

ಅವರು ಕಿಟಾರನೆ ಚೀರಿದ್ದು ಸಿನಿಮಾದ್ದೇ ಎಂದುಕೊಂಡು ಬಾಲ್ಕನಿಯವರು ಚಪ್ಪಾಳೆ ಹೊಡೆದರು.

“ಒಬ್ರು ಹೆದರಿದ್ರಲ್ರೀ,” ಎಂದೆ.

ಸಾವ್ಕಾರರು ಹೆಂಡತಿಯನ್ನೇ ನೋಡುತ್ತಿದ್ದರು. ಮದುವೆಯಾದಾಗಿನಿಂದ ಆಕೆ ಹೆದರಿದ್ದನ್ನು ಅವರು ಕಂಡಿರಲಿಲ್ಲವೆಂದು ಕಾಣುತ್ತದೆ.

“ಮುಂದಿಂದು ಶುರು ಮಾಡು,” ಎಂದರು. “ದೆವ್ವದ ಪಾರ್ಟು ನಿಮ್ಮವ್ವಂಗೇ ಕೊಡು.”