ಮೆತ್ತಗಿನ ಕೊನೆಯ ಚೆಂಡು

ಯೋಸ್ಟ್ ಯಾರ ಕೈಯನ್ನೂ ಕುಲುಕುತ್ತಿರಲಿಲ್ಲ. ಎದುರಿನವರು ಕೈ ಚಾಚಿದರೆ ಇವರು ಮುಷ್ಟಿ ಬಿಗಿದು ಮಣಿಕಟ್ಟನ್ನು ಮುಂದೊಡ್ಡುತ್ತಿದ್ದರು. ಹಿಡಿಯುವುದಾದರೆ ಅದನ್ನೇ ಹಿಡಿಯಬೇಕು. ಬಹರೈನಿನಲ್ಲಿ ಇದು ಸಣ್ಣ ವಿಷಯವಲ್ಲ. ಇಲ್ಲಿ ಯಾವ ಕೋಣೆಗೆ ಕಾಲಿಟ್ಟರೂ ಕೂತವರೆಲ್ಲರ ಕೈ ಹಿಡಿದು, ಕ್ಷೇಮ ಕೇಳಿ, ಆಮೇಲೆ ಕುರ್ಚಿ ಎಳೆದುಕೊಳ್ಳಬೇಕು. ಮುಹರ್ರಕ್‌ನ ಫುಟ್ಬಾಲ್ ಕ್ಲಬ್ಬಿಗೆ ಯೋಸ್ಟ್ ಬಂದ ದಿನ ಅಧ್ಯಕ್ಷರು ಚಾಚಿದ ಕೈಗೆ ಸಿಕ್ಕಿದ್ದು ಮಣಿಕಟ್ಟು. ಗಂಟೆ ಎಷ್ಟಾಯಿತೆಂದು ನೋಡುವವರ ಹಾಗೆ ಅವರು ಅದನ್ನು ತಿರುಗಿಸಿ ನೋಡಿದರಂತೆ.

"ಕ್ಷಮಿಸಿ, ಬೆರಳುಗಳು ಕೆಲಸಕ್ಕೆ ಬೇಕು," ಎಂದು ಯೋಸ್ಟ್ ಹೇಳಿದ್ದರು.

ಆ ಬೆರಳುಗಳನ್ನು ನಾನು ಹತ್ತಿರದಿಂದ ನೋಡಿದ್ದೇನೆ. ಬಲಗೈಯ ಉಂಗುರದ ಬೆರಳು ಉಳಿದವುಗಳ ಜೊತೆ ಜಗಳವಾಡಿದಂತೆ ಹೊರಕ್ಕೆ ಮುಖ ಮಾಡಿತ್ತು. ಕಿರುಬೆರಳು ಮಡಚುತ್ತಲೇ ಇರಲಿಲ್ಲ. ಚಹಾದ ಲೋಟ ಎತ್ತಿದಾಗ ಅದೊಂದು ಮಾತ್ರ ನೆಟ್ಟಗೆ ನಿಂತಿರುತ್ತಿತ್ತು. ಗೊತ್ತಿಲ್ಲದವರಿಗೆ ಅದು ದೊಡ್ಡ ಮನೆತನದ ನಾಜೂಕಿನಂತೆ ಕಾಣುತ್ತಿತ್ತು.

ನಾನು ಮೈಸೂರಿನವನು, ಮನಾಮದ ಒಂದು ಇಂಗ್ಲಿಷ್ ದಿನಪತ್ರಿಕೆಯ ಕ್ರೀಡಾ ವಿಭಾಗದಲ್ಲಿ ಕೆಲಸ. ಎರಡನೇ ದರ್ಜೆಯ ಲೀಗಿನಲ್ಲಿ ಆಡುತ್ತಿದ್ದ ಆ ಕ್ಲಬ್ಬು ಗೋಲ್‌ಕೀಪರುಗಳಿಗೆ ತರಬೇತಿ ಕೊಡಲು ಒಬ್ಬ ಡಚ್ ಆಟಗಾರನನ್ನು ಕರೆಸಿದೆ ಎಂದು ತಿಳಿದಾಗ ಸಣ್ಣದೊಂದು ಸುದ್ದಿ ಹಾಕಿದೆ. 'ನೆದರ್ಲೆಂಡ್ಸ್‌ನ ಅತ್ಯುನ್ನತ ಲೀಗಿನಲ್ಲಿ ಆಡಿದ ಅನುಭವಿ' ಎಂದು ಕ್ಲಬ್ಬು ಹೇಳಿತ್ತು; ಹಾಗೆಯೇ ಬರೆದಿದ್ದೆ. ಮರುದಿನ ಯೋಸ್ಟ್ ಕಚೇರಿಗೆ ಫೋನ್ ಮಾಡಿದರು.

"ತಿದ್ದುಪಡಿ ಬೇಕು. ಆ ಲೀಗಿನಲ್ಲಿ ನಾನು ಆಡಲಿಲ್ಲ. ಕೂತಿದ್ದೆ."

"ತಂಡದಲ್ಲಿದ್ದಿರಲ್ಲವೇ?"

"ತಂಡದಲ್ಲಿದ್ದೆ. ಬೆಂಚಿನ ಮೇಲಿದ್ದೆ. ನೀವು ಪತ್ರಕರ್ತರು, ನಿಮಗೆ ಅದರ ವ್ಯತ್ಯಾಸ ಗೊತ್ತಿರಬೇಕು."

ಹೊಗಳಿಕೆ ಹೆಚ್ಚಾಯಿತೆಂದು ತಿದ್ದುಪಡಿ ಕೇಳಿದವರು ನನ್ನ ವೃತ್ತಿಯಲ್ಲಿ ಅವರೊಬ್ಬರೇ. ತಿದ್ದುಪಡಿ ಪ್ರಕಟವಾಯಿತು. ಅದಾದ ಮೇಲೆ ನಮ್ಮ ಪರಿಚಯ ಬೆಳೆಯಿತು.

ಅವರ ವೃತ್ತಿಜೀವನದ ಕಥೆಯನ್ನು ನಾನು ಕಂತುಕಂತಾಗಿ ಕೇಳಿದೆ. ಜರ್ಮನಿಯ ಗಡಿಗೆ ಹತ್ತಿರದ ಸಣ್ಣ ಊರು. ಓರಗೆಯವರಿಗಿಂತ ಎತ್ತರವಿದ್ದರೆಂದು ಗೋಲಿನಲ್ಲಿ ನಿಲ್ಲಿಸಿದರು. ಹರೆಯದಲ್ಲೇ ದೊಡ್ಡ ಕ್ಲಬ್ಬೊಂದರ ತರಬೇತಿ ಶಾಲೆ, ಅಲ್ಲಿಂದ ವೃತ್ತಿಪರ ಕರಾರು. ಆದರೆ ಆ ಕ್ಲಬ್ಬಿನ ಮೊದಲ ಕೀಪರ್ ಕಲ್ಲಿನ ಕಂಬದಂಥ ಮನುಷ್ಯ, ನೆಗಡಿಯೂ ಆಗುತ್ತಿರಲಿಲ್ಲ. ಮುಂದಿನ ಕ್ಲಬ್ಬಿನಲ್ಲಿ ಒಬ್ಬ ಎಳೆಯ ಕೀಪರನನ್ನು ಒಳ್ಳೆಯ ಬೆಲೆಗೆ ಮಾರಬೇಕಾಗಿತ್ತು. ಮಾರಬೇಕಾದರೆ ಆಡಿಸಿ ತೋರಿಸಬೇಕು. ಮತ್ತೊಂದರಲ್ಲಿ ಮೊದಲ ಕೀಪರ್ ತರಬೇತುದಾರರ ಅಳಿಯ. ಆಮೇಲೆ ಬೆಲ್ಜಿಯಂ, ಆಮೇಲೆ ಸೈಪ್ರಸ್. ಎಲ್ಲ ಕಡೆಯೂ ಅವರ ಬೆನ್ನು ತಟ್ಟಿ, ನಿನ್ನ ಕಾಲ ಬರುತ್ತದೆ ಎಂದರು. ಸೈಪ್ರಸ್‌ನಲ್ಲಿ ಮೊದಲ ಕೀಪರ್ ಗಾಯಗೊಂಡು ಹೊರಬಂದಾಗ ಆಟದ ನಡುವೆ ಒಳಗೆ ಹೋದದ್ದುಂಟು. ಅದು ಎರಡು ಸಲ.

"ನಾನು ಪಂದ್ಯಗಳನ್ನು ಮುಗಿಸಿದ್ದೇನೆ," ಎನ್ನುತ್ತಿದ್ದರು. "ಶುರು ಮಾಡಿಲ್ಲ. ಲೀಗಿನ ಒಂದೇ ಒಂದು ಪಂದ್ಯವನ್ನೂ ಶುರು ಮಾಡಿಲ್ಲ."

ಒಮ್ಮೆ ಅಭ್ಯಾಸದ ನಡುವೆ, ವಿಮಾನವೊಂದು ಮೈದಾನದ ನೆತ್ತಿಯ ಮೇಲೇ ಇಳಿಯುತ್ತಿದ್ದಾಗ, ಅದು ದಾಟಿ ಸದ್ದು ನಿಲ್ಲುವವರೆಗೂ ಕಾದು ಹೇಳಿದರು: "ಎರಡನೇ ಕೀಪರ್ ಆಡಬೇಕಾದರೆ ಮೊದಲನೆಯವನಿಗೆ ಏನಾದರೂ ಕೆಟ್ಟದ್ದಾಗಬೇಕು. ಅದನ್ನು ಬಯಸಬಾರದು. ಬಯಸದೆ ಕೂರುವುದೇ ಕೆಲಸ. ನನಗೆ ಅದಕ್ಕೇ ಸಂಬಳ ಕೊಟ್ಟರು, ಬೇರೆ ಯಾವುದಕ್ಕೂ ಅಲ್ಲ."

ಅವರು ದುಃಖದಿಂದ ಹೇಳಿದರೆಂದು ಬರೆದರೆ ತಪ್ಪಾಗುತ್ತದೆ. ಹವಾಮಾನ ಹೇಳುವವರ ಧಾಟಿಯಲ್ಲಿ ಹೇಳಿದರು.

ಎರಡನೇ ಕೀಪರನಿಗೆ ಇನ್ನೊಂದು ಕೆಲಸವೂ ಇರುತ್ತದೆ. ಪಂದ್ಯಕ್ಕೆ ಮೊದಲು ಮೊದಲನೆಯವನ ಮೈ ಬಿಸಿ ಮಾಡುವುದು. ಯೋಸ್ಟ್ ಅದರಲ್ಲಿ ಪಳಗಿದವರು. ಮೊದಲು ಕೈಯಿಂದ ಎದೆಯೆತ್ತರಕ್ಕೆ ಎಸೆತ. ನಂತರ ನೆಲ ಸವರಿಕೊಂಡು ಎಡಕ್ಕೆ, ಬಲಕ್ಕೆ. ನಂತರ ಗಟ್ಟಿ ಹೊಡೆತಗಳು. ನಂತರ ಎತ್ತರದಿಂದ ತೇಲಿ ಬರುವ ಚೆಂಡು. ಎಲ್ಲ ಮುಗಿದ ಮೇಲೆ ಕೊನೆಯದೊಂದು ಮೆತ್ತಗಿನ ಚೆಂಡು, ನೇರವಾಗಿ ಎದೆಗೆ, ಯಾರು ಬೇಕಾದರೂ ಹಿಡಿಯಬಹುದಾದದ್ದು.

"ಕೀಪರ್ ಅದನ್ನು ಹಿಡಿಯಬೇಕು, ತಿರುಗಬೇಕು, ಒಳಗೆ ಹೋಗಬೇಕು," ಎಂದು ತಮ್ಮ ಶಿಷ್ಯರಿಗೆ ಹೇಳುತ್ತಿದ್ದರು. "ಕೈಗೆ ಸಿಕ್ಕಿದ ಚೆಂಡಿನ ನೆನಪಿನಲ್ಲೇ ಪಂದ್ಯಕ್ಕೆ ಇಳಿಯಬೇಕು. ಅದಾದ ಮೇಲೆ ಮತ್ತೊಂದಿಲ್ಲ. ಜಗತ್ತಿನಲ್ಲಿ ಎಲ್ಲಿಯೂ ಇಲ್ಲ."

ಆ ಕ್ಲಬ್ಬಿನಲ್ಲಿ ಆಟಗಾರರ ಅಂಗಿ, ಶೂ, ಚೆಂಡುಗಳನ್ನು ನೋಡಿಕೊಳ್ಳುತ್ತಿದ್ದವರು ಉಳ್ಳಾಲದ ದಿನಕರಣ್ಣ. ತಲೆ ಪೂರ್ತಿ ನರೆತ, ಸಣ್ಣ ಕಟ್ಟಿನ ಮನುಷ್ಯ. ಹೆಂಡತಿ ಸರೋಜಕ್ಕ ಹೆಂಗಸರ ಬಟ್ಟೆ ಹೊಲಿಯುವ ಅಂಗಡಿಯಲ್ಲಿದ್ದರು. ಮುಹರ್ರಕ್‌ನ ಹಳೆಯ ಓಣಿಯಲ್ಲಿ ಅವರದು ಎರಡು ಕೋಣೆಯ ಮನೆ. ಯೋಸ್ಟ್‌ಗೆ ಈ ದೇಶದಲ್ಲಿ ಯಾರಾದರೂ ಹತ್ತಿರದವರಿದ್ದರೆ ಅದು ಆ ಇಬ್ಬರು. ಶುಕ್ರವಾರ ಮಧ್ಯಾಹ್ನ ಊಟಕ್ಕೆ ಅಲ್ಲಿಗೇ ಹೋಗುತ್ತಿದ್ದರು. ನಾನೂ ಎಷ್ಟೋ ಸಲ ಜೊತೆಗಿದ್ದೆ.

"ಬನ್ನಿ ಪೇಪರಿನವರೇ," ಎಂದು ದಿನಕರಣ್ಣ ಬಾಗಿಲಲ್ಲೇ ಶುರುಮಾಡುತ್ತಿದ್ದರು. "ನಿಮ್ಮ ಪೇಪರಲ್ಲಿ ತಾರೀಕು ಒಂದು ಸರಿ ಇರ್ತದೆ, ಅಷ್ಟು ಸಾಕು ನಮಗೆ."

ಯೋಸ್ಟ್ ಬಾಗಿಲ ಚೌಕಟ್ಟಿಗೆ ತಲೆ ಬಡಿದುಕೊಳ್ಳದೆ ಒಳಗೆ ಬಂದ ದಿನವೇ ಇಲ್ಲ. "ಮೆಲ್ಲ, ಮಾರಾಯ! ಅಷ್ಟು ದೊಡ್ಡ ಗೋಲು ಕಾಣ್ತದೆ, ಇಷ್ಟು ದೊಡ್ಡ ಬಾಗಿಲು ಕಾಣೂದಿಲ್ವಾ ನಿನಗೆ?" ಎಂದು ದಿನಕರಣ್ಣ ಗದರುತ್ತಿದ್ದರು. ದಿನಕರಣ್ಣನಿಂದ ಯೋಸ್ಟ್ ಕಲಿತ ಕನ್ನಡ ಎರಡೇ ಮಾತು. ಒಂದು, ಮಾರಾಯ. ಅದನ್ನು ಕ್ಲಬ್ಬಿನ ಮ್ಯಾನೇಜರಿಗೂ, ಅಂಗಡಿಯ ಬಂಗಾಳಿ ಹುಡುಗರಿಗೂ, ಒಮ್ಮೆ ಪಂದ್ಯದ ರೆಫರಿಗೂ ಬಳಸಿದ್ದರು. ಇನ್ನೊಂದು, 'ಇನ್ನೊಂದು'. ಸರೋಜಕ್ಕ ಕಾವಲಿಯಿಂದ ಬಂಗುಡೆ ಮೀನು ಎತ್ತುತ್ತಿದ್ದಂತೆ ತಟ್ಟೆ ಮುಂದೊಡ್ಡಿ ಅದನ್ನು ಹೇಳುತ್ತಿದ್ದರು.

"ಈ ಉದ್ದದವರಿಗೆ ಸಾಕು ಅಂತ ಹೇಳ್ಲಿಕ್ಕೆ ಯಾರೂ ಕಲಿಸ್ಲಿಲ್ವಾ?" ಎಂದು ಸರೋಜಕ್ಕ ನಗುತ್ತಿದ್ದರು.

"ನಾನು ಬೇಕೂಂತ ಕಲಿಸ್ಲಿಲ್ಲ," ಎನ್ನುತ್ತಿದ್ದರು ದಿನಕರಣ್ಣ. "ಪಾಪ, ಅವನಿಗೆ ಆ ಊರಲ್ಲೆಲ್ಲ ಜನ ಸಾಕು ಸಾಕು ಅಂತಲೇ ಹೇಳಿದ್ದು."

ಕಳೆದ ಋತುವಿನ ಕೊನೆಯಲ್ಲಿ ಆ ಕ್ಲಬ್ಬು ಎಂದೂ ಕಾಣದ ಜಾಗಕ್ಕೆ ಬಂತು. ಕೊನೆಯ ಪಂದ್ಯ ಗೆದ್ದರೆ ಮೊದಲ ದರ್ಜೆಗೆ ಬಡ್ತಿ. ಅದಕ್ಕೆ ಹಿಂದಿನ ವಾರ ಅಭ್ಯಾಸದಲ್ಲಿ ಎರಡನೇ ಕೀಪರನ ಮೊಣಕಾಲು ತಿರುಚಿತು. ಹಿಂದಿನ ಪಂದ್ಯದಲ್ಲಿ ಮೊದಲ ಕೀಪರ್ ಕೆಂಪು ಕಾರ್ಡು ಪಡೆದು ಒಂದು ಪಂದ್ಯದ ಮಟ್ಟಿಗೆ ಹೊರಗುಳಿದ. ಮುಂಜಾಗ್ರತೆಗೆಂದು ಕ್ಲಬ್ಬು ಋತುವಿನ ಆರಂಭದಲ್ಲೇ ಮೂರನೇ ಕೀಪರ್ ಆಗಿ ಯೋಸ್ಟ್ ಹೆಸರನ್ನು ನೋಂದಾಯಿಸಿತ್ತು. ಅದು ಯಾರಿಗೂ ನೆನಪಿರಲಿಲ್ಲ, ಯೋಸ್ಟ್ ಒಬ್ಬರನ್ನು ಬಿಟ್ಟು.

ಅವರಾಗ ನಲವತ್ತು ದಾಟಿದ್ದರು. ಪಂದ್ಯದ ಮುನ್ನಾದಿನ ನನಗೆ ಫೋನ್ ಮಾಡಿದರು. ಎರಡನೇ ದರ್ಜೆಯ ಪಂದ್ಯದ ವರದಿಯಲ್ಲಿ ನಾವು ಆಡುವವರ ಹೆಸರುಗಳನ್ನು ಹಾಕುವುದಿಲ್ಲ ಎಂಬುದು ಅವರಿಗೆ ಗೊತ್ತಿತ್ತು. ಈ ಒಂದು ಸಲ ಹಾಕಲು ಸಾಧ್ಯವೇ ಎಂದು ಕೇಳಿದರು. ಅವರು ನನ್ನಲ್ಲಿ ಏನನ್ನಾದರೂ ಕೇಳಿದ್ದು ಅದೊಂದೇ. ಸಂಪಾದಕರನ್ನು ಒಪ್ಪಿಸಿ, ಯೋಸ್ಟ್‌ಗೆ ಫೋನ್ ಮಾಡಿ ತಿಳಿಸಿದೆ.

"ಮೊದಲು ಕೀಪರನ ಹೆಸರೇ ಬರುತ್ತದೆ ಅಲ್ಲವೇ?" ಎಂದರು.

"ಹೌದು. ಹನ್ನೊಂದರಲ್ಲಿ ಮೊದಲನೆಯದು."

"ಸರಿ, ಮಾರಾಯ," ಎಂದು ಫೋನ್ ಇಟ್ಟರು.

ಪಂದ್ಯದ ಸಂಜೆ ಬೇಗ ಹೋದೆ. ಕಡಲ ಕಡೆಯಿಂದ ತೇವದ ಬಿಸಿಗಾಳಿ. ಮೆಟ್ಟಿಲುಗಳ ಮೇಲೆ ಅಷ್ಟೇನೂ ಜನವಿರಲಿಲ್ಲ. ಯೋಸ್ಟ್ ಹಸಿರು ಅಂಗಿ ತೊಟ್ಟು, ಆ ದಿನಕ್ಕೆಂದೇ ಕೊಂಡ ಹೊಸ ಗ್ಲೌಸ್ ಹಾಕಿ, ಗೋಲಿನ ನಡುವೆ ನಿಂತಿದ್ದರು. ಮೈ ಬಿಸಿ ಮಾಡಿಸಲು ಇನ್ನೊಬ್ಬ ಕೀಪರ್ ಇರಲಿಲ್ಲ. ಆ ಕೆಲಸ ದಿನಕರಣ್ಣನಿಗೆ ಬಂತು. ಹರೆಯದಲ್ಲಿ ಉಳ್ಳಾಲದ ಕಡಲ ಮರಳಿನಲ್ಲಿ ಬರಿಗಾಲಲ್ಲಿ ಆಡಿದವರು. ಈಗಲೂ ಹೆಬ್ಬೆರಳ ತುದಿಯಿಂದಲೇ ಒದೆಯುತ್ತಿದ್ದರು.

ನಾನು ಗೋಲಿನ ಹಿಂದೆಯೇ ನಿಂತಿದ್ದೆ. ಕ್ರಮ ಎಲ್ಲ ಸರಿಯಾಗಿ ನಡೆಯಿತು. ಎದೆಯೆತ್ತರದ ಎಸೆತ, ನೆಲದ ಚೆಂಡು, ಗಟ್ಟಿ ಹೊಡೆತ. ಯೋಸ್ಟ್ ಚೆನ್ನಾಗಿ ಹಿಡಿಯುತ್ತಿದ್ದರು. ಕೊನೆಗೆ ದಿನಕರಣ್ಣ ಎರಡೂ ಕೈಯಲ್ಲಿ ಚೆಂಡು ಹಿಡಿದು, ದೇವರ ಪ್ರಸಾದ ಕೊಡುವಷ್ಟು ಜೋಪಾನದಿಂದ ಮೆತ್ತಗೆ ಎಸೆದರು. ಯೋಸ್ಟ್ ಅದನ್ನು ಎದೆಗೆ ಅಪ್ಪಿಕೊಂಡರು.

ಅವರು ತಿರುಗಿ ಒಳಗೆ ಹೋಗಬೇಕಿತ್ತು. ಹೋಗಲಿಲ್ಲ. ಗೋಲಿನ ಕಂಬಗಳನ್ನು ಒಂದಾದ ಮೇಲೊಂದು ನೋಡಿದರು. ಮೆಟ್ಟಿಲ ಮೇಲಿನ ಜನರನ್ನು ನೋಡಿದರು. ಆಮೇಲೆ ಚೆಂಡನ್ನು ದಿನಕರಣ್ಣನ ಕಡೆಗೆ ಉರುಳಿಸಿದರು.

"ಇನ್ನೊಂದು," ಎಂದರು.

"ಖಲಾಸ್, ಮಾರಾಯ. ಮೆತ್ತಗಿದ್ದು ಆಯ್ತಲ್ಲ. ನೀನೇ ಹೇಳಿದ್ದಲ್ವಾ, ಅದರ ಮೇಲೆ ಮತ್ತೊಂದು ಇಲ್ಲಾಂತ?"

"ಇನ್ನೊಂದು." ನಂತರ ಇಂಗ್ಲಿಷಿನಲ್ಲಿ: "ಗಟ್ಟಿಯಾಗಿ."

ದಿನಕರಣ್ಣ ನನ್ನ ಮುಖ ನೋಡಿದರು. ಬೇಡವೆನ್ನುವುದು ನನ್ನ ಕೆಲಸವಾಗಿರಲಿಲ್ಲ. ಅವರು ಎರಡು ಹೆಜ್ಜೆ ಹಿಂದೆ ಸರಿದು ಒದೆದರು. ಚೆಂಡು ಗಾಳಿಯಲ್ಲಿ ಅಲುಗಾಡುತ್ತ ಬಲಗಂಬದ ಬುಡಕ್ಕೆ ಹೋಯಿತು. ಯೋಸ್ಟ್ ಪೂರ್ತಿ ಮೈ ಚಾಚಿ ಜಿಗಿದರು. ಬೆರಳ ತುದಿ ತಾಗಿ ಚೆಂಡು ಹೊರಗೆ ಹೋಯಿತು. ಅದರ ಹಿಂದೆಯೇ ಅವರ ಬಲ ಮಣಿಕಟ್ಟು ಕಂಬಕ್ಕೆ ಬಡಿಯಿತು. ಸದ್ದು ನನಗೆ ಕೇಳಿಸಿತು.

ಅವರು ಕೂಗಲಿಲ್ಲ. ಎದ್ದು ಕೂತು, ಹಲ್ಲಿನಿಂದ ಗ್ಲೌಸ್ ಎಳೆಯಲು ನೋಡಿದರು. ದಿನಕರಣ್ಣ ಓಡಿ ಬಂದು ಮಂಡಿಯೂರಿದರು. "ಎಂತ ಆಯ್ತಾ? ಎಂತ ಆಯ್ತು ಹೇಳು ಮಾರಾಯ," ಎಂದು ಕೇಳುತ್ತಲೇ ಇದ್ದರು. ಯೋಸ್ಟ್ ಚೆಂಡು ಹೋದ ದಿಕ್ಕನ್ನೇ ನೋಡುತ್ತ, "ಹೊಡೆತ ಚೆನ್ನಾಗಿತ್ತು," ಎಂದರು.

ಮ್ಯಾನೇಜರ್ ಆಡುವವರ ಪಟ್ಟಿಯಿಂದ ಯೋಸ್ಟ್ ಹೆಸರು ತೆಗೆದರು. ಒಬ್ಬ ಡಿಫೆಂಡರ್, ಗೋಲಿನಲ್ಲಿ ಎಂದೂ ನಿಲ್ಲದವನು, ಆ ಹೊಸ ಗ್ಲೌಸ್ ಹಾಕಿಕೊಂಡು ಹೋದ. ಅದು ಅವನ ಕೈಗೆ ದೊಡ್ಡದಾಗಿತ್ತು. ಆಸ್ಪತ್ರೆಗೆ ಹೋಗೋಣವೆಂದರೆ ಯೋಸ್ಟ್ ಒಪ್ಪಲಿಲ್ಲ. ಮಣಿಕಟ್ಟಿಗೆ ಮಂಜುಗಡ್ಡೆಯ ಚೀಲ ಕಟ್ಟಿಸಿಕೊಂಡು ಬೆಂಚಿನ ತುದಿಯಲ್ಲಿ ಕೂತರು. ಅಲ್ಲಿ ಹೇಗೆ ಕೂರಬೇಕೆಂದು ಅವರಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ತಂಡ ನಾಲ್ಕು ಗೋಲುಗಳಿಂದ ಸೋತಿತು. ನಾಲ್ಕರಲ್ಲಿ ಮೂರನ್ನು ಸಾಧಾರಣ ಕೀಪರ್ ಕೂಡ ಹಿಡಿಯುತ್ತಿದ್ದ.

ನಾನು ವರದಿ ಬರೆದೆ. ಕೀಪರ್ ಪಂದ್ಯಕ್ಕೆ ಮೊದಲೇ ಗಾಯಗೊಂಡ ಬಗ್ಗೆ ಒಂದು ವಾಕ್ಯವಿತ್ತು. ಪುಟದಲ್ಲಿ ಜಾಗ ಸಾಲದೆ ಅದು ಹೋಯಿತು. ಹನ್ನೊಂದು ಹೆಸರುಗಳು ಪ್ರಕಟವಾದವು, ಮೊದಲನೆಯದು ಆ ಡಿಫೆಂಡರನದು. ವರದಿಯಲ್ಲಿ ತಪ್ಪೇನೂ ಇರಲಿಲ್ಲ. ಮರುದಿನ ಯೋಸ್ಟ್‌ರಿಂದ ಫೋನೂ ಬರಲಿಲ್ಲ.

ಮಣಿಕಟ್ಟಿನ ಸಣ್ಣ ಮೂಳೆಯೊಂದು ಮುರಿದಿತ್ತು. ಕೂಡಿಕೊಳ್ಳಬಹುದು, ಆದರೆ ಚೆಂಡಿನ ಪೆಟ್ಟು ತಡೆಯುವುದಿಲ್ಲ ಎಂದರು ವೈದ್ಯರು. ಕ್ಲಬ್ಬು ಕರಾರು ಮುಂದುವರಿಸಲಿಲ್ಲ; ಎರಡನೇ ದರ್ಜೆಯಲ್ಲೇ ಉಳಿದ ತಂಡಕ್ಕೆ ಕೀಪರುಗಳ ತರಬೇತುದಾರ ಬೇಕಿಲ್ಲ ಎಂದಿತು. ದಿನಕರಣ್ಣ ಮೂರು ಶುಕ್ರವಾರ ಯೋಸ್ಟ್ ಇದ್ದ ಕೋಣೆಯವರೆಗೆ ಹೋಗಿ, ಬಾಗಿಲು ತಟ್ಟದೆ ವಾಪಸು ಬಂದರು. ಸರೋಜಕ್ಕನೇ ಕೊನೆಗೆ ಹೋಗಿ ಊಟಕ್ಕೆ ಕರೆದುಕೊಂಡು ಬಂದರು. ನಾನು ಯೋಸ್ಟ್‌ರನ್ನು ಕಡೆಯ ಬಾರಿ ನೋಡಿದ್ದು ಅಂದು.

ಯೋಸ್ಟ್ ತಲೆ ತಗ್ಗಿಸಿ ಒಳಗೆ ಬಂದರು. ಚೌಕಟ್ಟಿಗೆ ಬಡಿಯಲಿಲ್ಲ. ಬಲಗೈಗೆ ಇನ್ನೂ ಪ್ಲಾಸ್ಟರ್ ಇತ್ತು; ಎಡಗೈಯಲ್ಲಿ ನಿಧಾನವಾಗಿ ತಿಂದರು. ಊರಲ್ಲಿ ಅಣ್ಣನಿಗೆ ಟೊಮೆಟೊ ಬೆಳೆಯುವ ಗಾಜಿನ ಮನೆಗಳಿವೆ, ಅಲ್ಲಿ ಕೆಲಸಕ್ಕೆ ಸೇರುವುದಾಗಿ ಹೇಳಿದರು.

ಸರೋಜಕ್ಕ ಕಾವಲಿಯಿಂದ ಬಂಗುಡೆ ಎತ್ತಿ ತಂದರು. "ಇನ್ನೊಂದು?" ಎಂದರು.

ಯೋಸ್ಟ್ ತಟ್ಟೆಯ ಮೇಲೆ ಕೈ ಅಡ್ಡ ಹಿಡಿದರು. "ಸಾಕು," ಎಂದರು.

ಆ ಮಾತನ್ನು ಅವರು ಎಲ್ಲಿ ಕಲಿತರೋ. ದಿನಕರಣ್ಣ ಎದ್ದು ಕೈ ತೊಳೆಯಲು ಹೋದರು. ನಲ್ಲಿಯ ನೀರು ಬಹಳ ಹೊತ್ತು ಹರಿಯುತ್ತಿತ್ತು.

ಹೊರಡುವಾಗ ಯೋಸ್ಟ್ ಬಾಗಿಲಲ್ಲಿ ನಿಂತು ದಿನಕರಣ್ಣನ ಕಡೆಗೆ ಎಡಗೈ ಚಾಚಿದರು. ಮುಷ್ಟಿಯಲ್ಲ, ಮಣಿಕಟ್ಟಲ್ಲ, ಐದೂ ಬೆರಳು ಬಿಡಿಸಿದ ಅಂಗೈ. ದಿನಕರಣ್ಣನಿಗೆ ಅರ್ಥವಾಗಲು ಕ್ಷಣ ಹಿಡಿಯಿತು. ಒಡೆಯುವ ಸಾಮಾನು ಮುಟ್ಟುವವರ ಹಾಗೆ ಆ ಕೈಯನ್ನು ಹಿಡಿದರು. ಯೋಸ್ಟ್ ಬಿಗಿಯಾಗಿ ಕುಲುಕಿದರು.

"ಮೆಲ್ಲ, ಮಾರಾಯ," ಎಂದರು ದಿನಕರಣ್ಣ. "ಬೆರಳು, ಬೆರಳು!"

ಯೋಸ್ಟ್ ಇನ್ನೂ ಬಿಗಿಯಾಗಿ ಹಿಡಿದರು.